ಒಂಟಿ ತಂತಿಯ ದೀಪ

ಅಂಕಲಿಯಲ್ಲಿ ಕರೆಂಟಿನ ವಿಷಯಕ್ಕೆ ಮಾಳಸಿದ್ದನ ಮಾತೆಂದರೆ ಮಾತು. ಈ ಮರ್ಯಾದೆ ಅವನಿಗೆ ಯಾವ ಶಾಲೆಯಿಂದಲೂ ಬಂದದ್ದಲ್ಲ. ಹರೆಯದಲ್ಲಿ ಒಂದು ಬೇಸಿಗೆ ಅವನು ಲೈನ್‌ಮನ್ನನ ಏಣಿ ಹೊತ್ತುಕೊಂಡು ಊರೂರು ತಿರುಗಿದ್ದ, ಅಷ್ಟೇ. ಕಂಬದ ಮೇಲಿದ್ದವನು ಏನು ಮಾಡುತ್ತಾನೋ, ಕೆಳಗೆ ಏಣಿ ಹಿಡಿದವನಿಗೆ ಕಾಣುವುದು ಅವನ ಅಂಗಾಲು ಮಾತ್ರ. ಉಳಿದದ್ದನ್ನು ಮಾಳಸಿದ್ದ ಊಹಿಸಿಕೊಂಡಿದ್ದ. ಊಹೆಯ ಜೊತೆಗೆ ಒಂದಿಷ್ಟು ಧೈರ್ಯ ಸೇರಿದರೆ ನಮ್ಮಲ್ಲಿ ಅದಕ್ಕೆ ಅನುಭವ ಎನ್ನುತ್ತಾರೆ. ಅಂಥ ಅನುಭವದ ಮೇಲೆಯೇ ನಾವು ಮುಕ್ಕಾಲು ಪಾಲು ಜನ ಸಂಸಾರ ನಡೆಸುವುದು.

ಅವನದು ಕುರಿ ಕಾಯುವ ಮನೆತನ. ಈಗ ಕುರಿ ಕಡಿಮೆಯಾಗಿ ಹೊಳೆಯ ಬದಿಗೆ ತುಸು ಕಬ್ಬು, ಮನೆಯ ಹಿಂದಿನ ಕೊಟ್ಟಿಗೆಯಲ್ಲಿ ಎಮ್ಮೆ. ಆ ಕೊಟ್ಟಿಗೆಗೆ ದೀಪ ಹಾಕುವಾಗಲೇ ಅವನ ಕೀರ್ತಿ ಹುಟ್ಟಿದ್ದು. ದೀಪಕ್ಕೆ ತಂತಿ ಎರಡು ಬೇಕು: ಕರೆಂಟು ಹೋಗುವುದಕ್ಕೊಂದು, ತಿರುಗಿ ಬರುವುದಕ್ಕೊಂದು. ಅವನಲ್ಲಿದ್ದದ್ದು ಒಂದೇ. ಆ ಒಂದನ್ನು ಮನೆಯಿಂದ ಕೊಟ್ಟಿಗೆಯವರೆಗೆ ಎಳೆದು ಬಲ್ಬಿಗೆ ಕೊಟ್ಟ. ಬಲ್ಬಿನ ಇನ್ನೊಂದು ಬದಿಯಿಂದ ಮೊಳದುದ್ದದ ತುಂಡು ತಂತಿ ಇಳಿಸಿ, ಗೋದಲಿಯ ಪಕ್ಕದಲ್ಲಿ ಕಬ್ಬಿಣದ ಗೂಟ ಬಡಿದು ಅದಕ್ಕೆ ಸುತ್ತಿದ. ದೀಪ ಹತ್ತಿತು. ನೋಡಲು ಬಂದವರಿಗೆಲ್ಲ, "ಎರಡನೇ ತಂತಿ ಯಾಕ ಬೇಕೋ? ಭೂಮಿತಾಯಿ ಅದಾಳಲ್ಲ" ಎಂದ. ಎದುರು ಮನೆಯ ಬಾಪುಸಾಹೇಬ ಬೆರಗಾಗಿ, ತನ್ನ ಕೊಟ್ಟಿಗೆಗೂ ಹಾಗೇ ಮಾಡಿಸಿಕೊಂಡ. ಶಿವಗಂಗವ್ವ ಮಾಡಿಸಿಕೊಂಡಳು. ಅವಳನ್ನು ನೋಡಿ ಅವಳ ಮೈದುನ.

ಒಂದೇ ತೊಡಕೆಂದರೆ, ನೆಲ ಒಣಗಿದಾಗ ದೀಪ ಮಂಕಾಗುತ್ತಿತ್ತು. ಅದಕ್ಕೂ ಮಾಳಸಿದ್ದನಲ್ಲಿ ಮದ್ದಿತ್ತು. ಗೂಟದ ಬುಡಕ್ಕೆ ಒಂದು ಕೊಡ ನೀರು ಹಾಕಿದರೆ ಬಲ್ಬು ಹೂವಿನಂತೆ ಅರಳುತ್ತಿತ್ತು. ಸಂಜೆ ಹಾಲು ಹಿಂಡುವ ಮೊದಲು ನೀರು ಹಾಕುವ ಕೆಲಸ ಹೆಂಡತಿ ಸತ್ತೆವ್ವನದು. ಹಾಲು ಕೊಡುವ ಜಾಗವೆಂದು ಆ ಓಣಿಯ ಹೆಂಗಸರು ಚಪ್ಪಲಿಯನ್ನು ಕೊಟ್ಟಿಗೆಯ ಹೊರಗೇ ಬಿಡುವವರು. ಸತ್ತೆವ್ವನೂ ಬರಿಗಾಲಲ್ಲೇ ಒಳಗೆ ಹೋಗಿ, ಬರಿಗಾಲಲ್ಲೇ ನೀರು ಹಾಕಿ, ಆ ಕೆಸರಿನಲ್ಲೇ ಕುಕ್ಕರುಗಾಲಲ್ಲಿ ಕೂತು ಹಿಂಡುತ್ತಿದ್ದಳು. ಮಾಳಸಿದ್ದನಿಗೆ ಹಿಂಡುವ ಕೆಲಸವಿಲ್ಲ. ದಪ್ಪ ಟಾಯರಿನ ಚಪ್ಪಲಿ ಮೆಟ್ಟಿಕೊಂಡು ಬಂದು, ಬಲ್ಬನ್ನು ಕಣ್ತುಂಬ ನೋಡಿ ಹೋಗುವುದಷ್ಟೇ ಅವನ ಪಾಲಿನ ಸೇವೆ.

"ಏನ್ರಿ, ಗೂಟದ ಹತ್ರ ಕುಂತ್ರ ಅಂಗಾಲಾಗ ಜುಂ ಅಂತೈತಿ," ಎಂದು ಸತ್ತೆವ್ವ ಒಮ್ಮೆ ಹೇಳಿದಳು.

"ವಾತ ಅದು. ವಯಸ್ಸಾತಲ್ಲ, ಎಣ್ಣಿ ತಿಕ್ಕೊ."

"ಮುಂಜಾನಿ ಹಿಂಡುವಾಗ ಅನ್ನೂದಿಲ್ರಿ. ಸಂಜೀಕ ಅಷ್ಟ."

"ವಾತ ಏಳೂದ ಸಂಜೀಕ. ಅದಕ್ಕೂ ಶಾಸ್ತ್ರ ಐತಿ."

ಸತ್ತೆವ್ವ ಎಣ್ಣೆ ತಿಕ್ಕಿಕೊಂಡಳು. ಎಮ್ಮೆಗೆ ತಿಕ್ಕುವವರಿರಲಿಲ್ಲ. ಅದು ಬೆಳಿಗ್ಗೆ ಹಸುಗೂಸಿನಂತೆ ನಿಂತು ಹಾಲು ಕೊಡುತ್ತಿತ್ತು. ಸಂಜೆ ಗೋದಲಿಯ ಹತ್ತಿರ ಬರಲೊಲ್ಲದೆ ಕಾಲು ಝಾಡಿಸುತ್ತಿತ್ತು, ಸೊರೆ ಬಿಡದೆ ಹಾಲು ತಡೆದಿಡುತ್ತಿತ್ತು. ಮಾಳಸಿದ್ದ ಮೊದಲು ಹೆಂಡತಿಯ ಕೈ ಸರಿಯಿಲ್ಲವೆಂದ. ಆಮೇಲೆ, ರಾಯಬಾಗ ಸಂತೆಯ ದನಕ್ಕೆ ನಡತೆಯೇ ಇರುವುದಿಲ್ಲವೆಂದ.

"ಎಮ್ಮಿಗೂ ವಾತ ಏನ್ರಿ?" ಎಂದು ಕೇಳಿದಳು ಸತ್ತೆವ್ವ.

ಈ ಮಾತನ್ನು ಅವನು ಚಹಾದ ಹೋಟೆಲಿಗೆ ಒಯ್ದು, ತನ್ನ ಕಡೆಯಿಂದ ಒಂದಿಷ್ಟು ಉಪ್ಪುಖಾರ ಸೇರಿಸಿ ಹೇಳಿ ಎಲ್ಲರನ್ನೂ ನಗಿಸಿದ. ಕೊನೆಗೆ ಎಮ್ಮೆಯನ್ನು ಯಡೂರಿನವನೊಬ್ಬನಿಗೆ ಮಾರಿದ. ಸತ್ತೆವ್ವ ಎರಡು ದಿನ ಸರಿಯಾಗಿ ಉಣ್ಣಲಿಲ್ಲ. ಕೊಂಡವನು ಮುಂದೆ ಒಮ್ಮೆ ಸಿಕ್ಕು, "ಎರಡೂ ಹೊತ್ತು ಗಪ್ಪನ ನಿಂತು ಹಿಂಡಸ್ಗೋತೈತ್ರಿ, ದೇವರಂಥಾ ಎಮ್ಮಿ" ಎಂದಾಗ, ಈ ಯಡೂರಿನ ಮಂದಿ ಅಷ್ಟು ದೊಡ್ಡ ಗುಡಿಯ ಸಮೀಪ ಇದ್ದೂ ಸುಳ್ಳು ಹೇಳುತ್ತಾರಲ್ಲ ಎಂದು ಮಾಳಸಿದ್ದನಿಗೆ ಬೇಸರವಾಯಿತು. ಹೊಸ ಎಮ್ಮೆ ಬಂತು. ವಾರದೊಳಗೆ ಅದರ ನಡತೆಯೂ ಕೆಟ್ಟಿತು.

ಹೀಗಿರುವಾಗ ಮನೆಯ ವಾಯರಿಂಗನ್ನು ಇಲಿ ಕಡಿದು, ಹೊಸದಾಗಿ ಮಾಡಿಸಬೇಕಾಯಿತು. ಮಗಳು ಸೋನಾಲಿಯ ಗಂಡ ಬೀರದೇವ ಅಕ್ಕೋಳದವನು, ನಿಪ್ಪಾಣಿ ಸುತ್ತಿನ ಮನೆಗಳ ವಾಯರಿಂಗ್ ಮಾಡಿಯೇ ಬದುಕುವವನು. ಅವನೇ ಬಂದು ಎಲ್ಲ ಮಾಡಿಕೊಟ್ಟ. ಬೋರ್ಡಿನಲ್ಲಿ ಬಿಳಿಯದೊಂದು ಡಬ್ಬಿ ಕೂಡಿಸಿ, "ಇದು ಆರ್‌ಸಿಸಿಬಿ ಅಂತ್ರಿ ಮಾವಾರ" ಎಂದ.

"ಏನ ಮಾಡತೈತಿ?"

"ನೀವು ಮುಂಜಾನಿ ಕುರಿ ಎಣಿಸಿ ಬಿಡ್ತೀರಿ, ಸಂಜೀಕ ಎಣಿಸಿ ಒಳಗ ತಗೋತೀರಿ. ಒಂದು ಕಡಿಮಿ ಬಂತಂದ್ರ?"

"ಹಟ್ಟಿ ಬಾಗಲಾ ಹಾಕಿ ಹುಡುಕಾಕ ಹೋಗ್ತೀನಿ."

"ಇದೂ ಹಂಗ. ಹೋದಷ್ಟ ಕರೆಂಟು ತಿರುಗಿ ಬರಬೇಕು. ಚೂರು ಕಡಿಮಿ ಬಂದ್ರ, ಎಲ್ಲೋ ಯಾರದೋ ಮೈಯಾಗಿಂದ ನೆಲಕ್ಕ ಸೋರಾಕತ್ತೈತಿ ಅಂತ ತಿಳದು ಬಾಗಲಾ ಹಾಕ್ತೈತಿ. ಕಣ್ಣ ಮುಚ್ಚಿ ತೆಗಿಯೂದರಾಗ ಲೈನ್ ಬಂದ್. ಭಾಳ ಮಂದಿ ಇದನ್ನ ಗೀಝರಿಗೆ, ಫ್ರಿಜ್ಜಿಗೆ ಅಷ್ಟ ಹಾಕಸ್ತಾರ್ರಿ. ಬಲ್ಬ್ ಬದಲಿ ಮಾಡುವಾಗ ಹೊಡಿಸ್ಕೊಳ್ಳೂದು ಮಾತ್ರ ಲೈಟಿನ ಲೈನಿಂದ. ನಾ ಲೈಟಿಗೂ ಕೂಡಿಸೀನಿ. ಶೆಡ್ಡಿಂದೂ ಒಮ್ಮೆ ನೋಡಿ ಬರ್ತೀನ್ರಿ."

"ಅದನ್ನೇನ ನೋಡ್ತೀರಿ ಅಳಿಯಾರ. ನನ್ನ ಕೈ ಕೆಲಸ ಅದು."

ಮಾವ ಹಾಗೆಂದ ಮೇಲೆ ಅಳಿಯ ನೋಡಿದರೆ ಅನುಮಾನಿಸಿದಂತೆ. ಬೀರದೇವ ಕೊಟ್ಟಿಗೆಯ ತಂತಿಯನ್ನು ಬೋರ್ಡಿನ ಸ್ವಿಚ್ಚಿಗೆ ಕೂಡಿಸಿ, ಎರಡನೆಯದು ಬೇರೆ ಕಡೆಯಿಂದ ಹೋಗಿರಬೇಕೆಂದುಕೊಂಡು ಊರಿಗೆ ಹೋದ. ಮಾಳಸಿದ್ದ ಅಳಿಯನ ಕುರಿಯ ಹೋಲಿಕೆಯನ್ನು ತನ್ನದೇ ಎಂಬಂತೆ ಹೋಟೆಲಿನಲ್ಲಿ ಹೇಳಿದ, ಕೇಳಿದವರು ತಲೆದೂಗಿದರು.

ಅಂದು ಸಂಜೆ ಕೊಟ್ಟಿಗೆಯ ಸ್ವಿಚ್ ಒತ್ತಿದ್ದೇ ತಡ, ಇಡೀ ಮನೆ ಕತ್ತಲಾಯಿತು. ಡಬ್ಬಿಯ ಗುಂಡಿ ಎತ್ತಿದ, ಮತ್ತೆ ಒತ್ತಿದ, ಮತ್ತೆ ಕತ್ತಲು. ಮರುದಿನವೂ ಹಾಗೇ, ವಾರವಿಡೀ ಹಾಗೇ. ಸತ್ತೆವ್ವ ಟಾರ್ಚ್ ಹಿಡಿದು ಹಾಲು ಹಿಂಡಿದಳು. ಎಮ್ಮೆ ಸಂಜೆಯೂ ಮೆತ್ತಗೆ ನಿಂತದ್ದನ್ನು ಅವಳು ಗಂಡನಿಗೆ ಹೇಳಿದಳು. ಅವನಿಗೆ ಅದನ್ನು ಕೇಳುವ ಪುರುಸೊತ್ತಿರಲಿಲ್ಲ. "ಅಳಿಯನ ಡಬ್ಬಿಗೆ ಎಣಿಕಿ ಬರೂದಿಲ್ಲ" ಎಂದು ಓಣಿಯಲ್ಲಿ ಸಾರುತ್ತ ನಡೆದಿದ್ದ. ಕೊನೆಗೆ ಬೀರದೇವನನ್ನು ಕರೆಸಿದ. ಬಾಪುಸಾಹೇಬನನ್ನೂ ಕರೆದ. ನ್ಯಾಯ ಮಾಡಿದರೆ ನಾಲ್ಕು ಜನರ ಎದುರಿಗೇ ಮಾಡಬೇಕೆಂದು ಅವನ ಅಭಿಪ್ರಾಯ.

ಬೀರದೇವ ಬಂದವನು ಮನೆಯ ದೀಪಗಳನ್ನು ಒಂದೊಂದೇ ಹಚ್ಚಿದ. ಡಬ್ಬಿ ಅಲುಗಲಿಲ್ಲ. ಕೊಟ್ಟಿಗೆಯ ಸ್ವಿಚ್ ಒತ್ತಿದ. ಟಪ್ಪೆಂದು ಕತ್ತಲು.

"ನೋಡಿದಿ ಏನೋ ಬಾಪುಸಾಹೇಬ?" ಎಂದ ಮಾಳಸಿದ್ದ ಗೆದ್ದ ದನಿಯಲ್ಲಿ. "ದನದ ಮನಿ ಬೆಳಕು ಕಂಡ್ರ ಸೇರೂದಿಲ್ಲ ಇದಕ್ಕ."

"ಅರೆ ಬಾಬಾ, ಅಳಿಯಂದ್ರು ತಪ್ಪು ಮಾಡಿದ್ರೂ ಉಂಡಿ ತಿನಿಸಿ ಹೇಳಬೇಕಪ್ಪ," ಎಂದ ಬಾಪುಸಾಹೇಬ.

ಬೀರದೇವ ಟಾರ್ಚ್ ಹಿಡಿದು ಕೊಟ್ಟಿಗೆಗೆ ನಡೆದ. ಉಳಿದಿಬ್ಬರೂ ಹಿಂದೆ ಹೋದರು. ಅವನು ಬಲ್ಬಿಗೆ ಬಂದ ತಂತಿಯನ್ನು ಬೆಳಕಿನಲ್ಲಿ ಹಿಂಬಾಲಿಸಿ ನೋಡಿದ. ಮತ್ತೊಮ್ಮೆ ನೋಡಿದ.

"ಮಾವಾರ, ಎರಡನೇ ವಾಯರ್ ಎಲ್ಲೈತ್ರಿ?"

ಮಾಳಸಿದ್ದ ಇದಕ್ಕೇ ಕಾದಿದ್ದವನಂತೆ ಗೂಟದ ಹತ್ತಿರ ಹೋಗಿ ನಿಂತ. "ಇಲ್ಲೈತಿ. ಮನಿಯಿಂದ ತಂತಿ ಮ್ಯಾಲೆ ಬಂತು, ಬಲ್ಬ್ ಹತ್ತಿತು, ಇಲ್ಲಿ ಇಳದು ನೆಲದಾಗ ಹೋತು. ತಿರುಗಿ ಬರೂ ಕೆಲಸನ ಇಲ್ಲ ಅದಕ್ಕ. ಹೋದದ್ದು ಹೋತು..."

ಅಲ್ಲಿಗೆ ಅವನ ಬಾಯಿ ನಿಂತಿತು. ಹೋದ ಕುರಿ ತಿರುಗಿ ಬರದಿದ್ದರೆ ಬಾಗಿಲು ಹಾಕಬೇಕೆಂದು ವಾರವಿಡೀ ಹೋಟೆಲಿನಲ್ಲಿ ಹೇಳಿದವನು ಅವನೇ. ಡಬ್ಬಿಗೆ ಎಣಿಕೆ ಸರಿಯಾಗಿಯೇ ಬರುತ್ತಿತ್ತು. ಬಾಪುಸಾಹೇಬ ಇನ್ನೂ ಅರ್ಥವಾಗದೆ ನಗುತ್ತಲೇ ಇದ್ದ. ಮಾಳಸಿದ್ದನಿಗೆ ಇಷ್ಟಕ್ಕೇ ಮುಗಿದರೆ ಸಾಕೆನಿಸಿತು. ತಂತಿಯ ವಿಷಯದಲ್ಲಿ ಸೋತದ್ದನ್ನು ಹೇಗೋ ನಗೆಯಲ್ಲಿ ತೇಲಿಸಿಬಿಡಬಹುದಿತ್ತು.

ಅಷ್ಟರಲ್ಲಿ ಸತ್ತೆವ್ವ ಚಪ್ಪಲಿ ಹೊರಗೆ ಬಿಟ್ಟು, ಕೊಡ ಸೊಂಟಕ್ಕಿಟ್ಟುಕೊಂಡು ಒಳಗೆ ಬಂದಳು. ಅಳಿಯ ಬಂದಿದ್ದಾನೆ, ದೀಪ ಸರಿಹೋಗುತ್ತದೆ ಎಂದು ಗೂಟದ ಬುಡಕ್ಕೆ ನೀರು ಸುರಿಯತೊಡಗಿದಳು.

ಬೀರದೇವ ಅವಳ ಕಾಲನ್ನೇ ನೋಡಿದ. "ಅತ್ತಿಯಾರ, ದಿನಾ ಹಾಕ್ತೀರೇನ್ರಿ ನೀರು?"

"ಹೌದಪ್ಪ. ಹಾಕಿದ್ರ ಬೆಳಕು ಚಲೋ ಬರತೈತಿ."

"ಕಾಲಿಗೆ ಏನಾರ ಅನಿಸತೈತೇನ್ರಿ?"

ಸತ್ತೆವ್ವ ಗಂಡನ ಮುಖ ನೋಡಿದಳು. "ಅದು ವಾತಪ್ಪ," ಎಂದಳು.

"ಡಾಕ್ಟರ್ ಹೇಳ್ಯಾರೇನ್ರಿ?"

"ಇಲ್ಲ. ಇವರ ಹೇಳ್ಯಾರ."

ಅವಳ ದನಿಯಲ್ಲಿ ಕುಟುಕು ಇರಲಿಲ್ಲ. ಇದ್ದಿದ್ದರೆ ಮಾಳಸಿದ್ದ ತಿರುಗಿ ಏನಾದರೂ ಅನ್ನುತ್ತಿದ್ದ, ಒಂದು ದಾರಿ ಸಿಗುತ್ತಿತ್ತು. ಅವಳು ನಿಜವಾಗಿಯೂ ನಂಬಿದ್ದಳು. ಒದ್ದೆ ನೆಲದಲ್ಲಿ ಕರೆಂಟು ಹರಿಯುವ ಜಾಗದಲ್ಲಿ ದಿನಾ ಅವಳನ್ನು ಕೂಡಿಸಿ, ಅವಳ ಕೈಯಿಂದಲೇ ನೀರು ಹಾಕಿಸಿ, ಜುಂ ಎಂದದ್ದಕ್ಕೆ ಎಣ್ಣೆ ತಿಕ್ಕಿಸಿ, ಆಮೇಲೆ ಅದನ್ನೇ ನಗೆಯ ಮಾತು ಮಾಡಿ ಹಂಚಿದ್ದ ಅವನು. ಅಳಿಯನ ಮುಖ ನೋಡುವುದಾಗಲಿಲ್ಲ. ಎಮ್ಮೆಯ ಮುಖವೂ ಬೇಡವೆನಿಸಿತು. ಒಬ್ಬ ಮನುಷ್ಯ ತನ್ನದೇ ಕೊಟ್ಟಿಗೆಯಲ್ಲಿ ಕಣ್ಣಿಡಲು ಜಾಗವಿಲ್ಲದೆ ನಿಂತ.

ಬೀರದೇವ ತಂತಿಯನ್ನು ಬೋರ್ಡಿನಿಂದಲೇ ಬಿಡಿಸಿ ಬಂದು, ಗೂಟಕ್ಕೆ ಸುತ್ತಿದ್ದನ್ನು ಕತ್ತರಿಸಿದ. "ನಾಳೆ ಎರಡು ವಾಯರ್ ಎಳೀತೀನ್ರಿ ಮಾವಾರ. ಡಬ್ಬಿ ಲೈನ್ ಬಂದ್ ಮಾಡೂದಿಲ್ಲ." ಅವನು ಬೈದಿದ್ದರೆ ಮಾಳಸಿದ್ದನಿಗೆ ಉಪಕಾರವಾಗುತ್ತಿತ್ತು.

ಈಗ ಬಾಪುಸಾಹೇಬನ ನಗು ಇಳಿಯಿತು. "ಮಾಳಸಿದ್ದ, ನಮ್ಮ ಶೆಡ್ಡಿಗೂ ಹಿಂಗ ಮಾಡಿ ಕೊಟ್ಟಿಯಲ್ಲೋ. ಈಗ ನಮ್ಮಾಕಿ ಹಿಂಡಾಕ ಕುಂತಿರ್ತಾಳ."

ನಾಲ್ವರೂ ಎದುರು ಮನೆಗೆ ನಡೆದರು. ಬಾಪುಸಾಹೇಬನ ಹೆಂಡತಿ ತುಳಸವ್ವ ಆಗ ತಾನೇ ಹಿಂಡಿ ಮುಗಿಸಿ ಹಾಲಿನ ಚರಿಗೆ ಹಿಡಿದು ಎದ್ದಿದ್ದಳು. ಅವರ ಮನೆಯಲ್ಲಿ ಡಬ್ಬಿಯಿಲ್ಲ, ಹಳದಿ ಬಲ್ಬು ನಿಶ್ಚಿಂತೆಯಿಂದ ಉರಿಯುತ್ತಿತ್ತು. ಬೀರದೇವ ಫ್ಯೂಜ್ ಕೀಳಲು ಮನೆಯೊಳಗೆ ಹೋದ. ಮಾಳಸಿದ್ದ ಗೋದಲಿಯ ಹತ್ತಿರ ಹೋಗಿ, ಯಾರಿಗೂ ಹೇಳದೆ ಚಪ್ಪಲಿಯಿಂದ ಒಂದು ಕಾಲು ತೆಗೆದ, ಇನ್ನೊಂದು ತೆಗೆದ. ಗೂಟದ ಪಕ್ಕದ ಕೆಸರಿನಲ್ಲಿ ನಿಂತ.

ಅಂಗಾಲಿನಿಂದ ಮೀನಖಂಡದವರೆಗೆ ಇರುವೆಯ ಸಾಲು ಹತ್ತಿದಂತಾಯಿತು. ಜುಂ. ಅವಳು ಹೇಳಿದ ಶಬ್ದವೇ ಸರಿಯಾದ ಶಬ್ದ. ಬಲ್ಬು ಆರುವವರೆಗೂ ಅವನು ಕಾಲೆತ್ತಲಿಲ್ಲ.

"ಏನಾತ್ರಿ ಎಲ್ಲಾರಿಗೂ?" ಎಂದಳು ತುಳಸವ್ವ ಕತ್ತಲಲ್ಲಿ.

"ನಿನಗ ಸಂಜೀಕ ಕಾಲಾಗ ಜುಂ ಅಂತೈತೇನವ್ವ?" ಎಂದ ಮಾಳಸಿದ್ದ.

"ವಾತ ಅದು. ನಿಮ್ಮಾಕಿನ ಹೇಳಿದ್ಲಲ್ಲ, ನೀವು ಹೇಳೀರಿ ಅಂತ. ನಾನೂ ಎಣ್ಣಿ ತಿಕ್ಕಾಕತ್ತೀನಿ."

ಬೀರದೇವ ಹೊರಗೆ ಬಂದು ನಿಂತಿದ್ದ. ಬಾಪುಸಾಹೇಬ ಕೆಮ್ಮಿದ. ಏನಾದರೊಂದು ನೆವ ಹೇಳಲು ಅದು ಒಳ್ಳೆಯ ಸಂದರ್ಭವಾಗಿತ್ತು. ನೆಲ ಹಸಿಯಾಗಿತ್ತು, ಗೂಟ ಹಳೆಯದಾಗಿತ್ತು, ಏನಾದರೂ ಒಂದು. ಮಾಳಸಿದ್ದನ ನಾಲಿಗೆಗೆ ಅಂಥವು ಎಂದೂ ಕಡಿಮೆಯಾದದ್ದಿಲ್ಲ.

"ವಾತ ಅಲ್ಲವ್ವ," ಎಂದ. "ಕರೆಂಟ ಅದು. ನಾ ಹುಗದ ಗೂಟದಿಂದ ಬರೂದು. ನಮ್ಮಾಕಿ ಮೊದಲ ಹೇಳಿದ್ಲು, ನಾ ಕೇಳಲಿಲ್ಲ. ಎಮ್ಮಿನೂ ಹೇಳ್ತು, ಮಾರಿಬಿಟ್ಟೆ. ಆಕಿ ಮಾತು ಹೋಟೆಲ್ದಾಗ ಹೇಳಿ ನಕ್ಕೀನಿ. ತಪ್ಪಾತು."

ಕೊನೆಯ ಮಾತನ್ನು ಅವನು ತುಳಸವ್ವನ ಕಡೆ ನೋಡಿ ಹೇಳಿದನಾದರೂ ಅದು ಯಾರಿಗೆಂದು ಎಲ್ಲರಿಗೂ ತಿಳಿಯಿತು. ಸತ್ತೆವ್ವ ಸೆರಗು ಸರಿಮಾಡಿಕೊಂಡಳು. ಆಮೇಲೆ ಹೊರಗೆ ಓಣಿಯ ಕಡೆ ನೋಡಿದಳು.

"ಶಿವಗಂಗವ್ವನ ಮನಿ ಐತಿ, ಆಕಿ ಮೈದುನನ ಮನಿ ಐತಿ," ಎಂದಳು. "ಅವರು ಹಿಂಡಾಕ ಕೂಡ್ರೂಕಿಂತ ಮೊದಲ ಹೋಗೂಣು ನಡೀರಿ. ಅಲ್ಲೂ ಇದನ್ನ ಹೇಳ್ರಿ. ಪೂರಾ ಹೇಳ್ರಿ."

"ಹೂಂ," ಎಂದ ಮಾಳಸಿದ್ದ.

ಶಿವಗಂಗವ್ವನ ಕೊಟ್ಟಿಗೆಯಲ್ಲಿ ಆಗಲೇ ಬೆಳಕು ಕಾಣುತ್ತಿತ್ತು. ಸತ್ತೆವ್ವ ಲಗುಬಗೆಯಿಂದ ಮುಂದೆ ಹೋದಳು, ಅವನು ಹಿಂದೆ.