ಕುಂಬಳಕಾಯಿ ಕೊಯ್ದ ಕೈ

ಹೋದ ವಾರ ಮನೆ ಮುಂದೆ ತರಕಾರಿಯ ತಳ್ಳುಗಾಡಿ ನಿಂತಿತ್ತು. ಗಾಡಿಯವನು ದೊಡ್ಡದೊಂದು ಕೆಂಪು ಕುಂಬಳಕಾಯಿಯನ್ನು ಎರಡಾಗಿ ಸೀಳಿ, ಒಳಗಿನ ಬಣ್ಣ ನೋಡಲೆಂದು ನನ್ನ ಮುಖದ ಹತ್ತಿರ ಹಿಡಿದ. ಹಸಿ ಕುಂಬಳಕಾಯಿಗೆ ಅದರದೇ ಒಂದು ವಾಸನೆ ಇರುತ್ತದೆ. ಸೌತೆಕಾಯಿಯ ತಂಪು, ಅದರ ಹಿಂದೆಯೇ ಒದ್ದೆ ಮಣ್ಣಿನಂಥದ್ದು ಏನೋ... ಆ ವಾಸನೆ ಬಂದಾಗಲೆಲ್ಲ ನನ್ನ ಕೈ ತಾನಾಗಿಯೇ ಸೆರಗಿಗೆ ಹೋಗುತ್ತದೆ, ಒರೆಸಿಕೊಳ್ಳಲು. ಐವತ್ತು ವರ್ಷವಾದರೂ ಈ ಚಾಳಿ ಹೋಗಿಲ್ಲ.

"ಕೊಯ್ದದ್ದು ಕೊಡ್ಲೇನ್ರಿ ಅವ್ವ, ಇಡೀದು ಕೊಡ್ಲಿ?" ಎಂದು ಕೇಳಿದ.

ಇಡೀದೇ ಕೊಡು ಎಂದೆ. ಕಂಕುಳಲ್ಲಿ ಅದನ್ನು ಹೊತ್ತು ಒಳಗೆ ಬಂದಾಗ ಸೊಸೆ ನಕ್ಕಳು. ಮೂರು ಮಂದಿಯ ಮನೆಗೆ ಇಷ್ಟು ದೊಡ್ಡ ಕಾಯಿ ಯಾಕೆ ಬೇಕಿತ್ತು ಎಂದು ಅವಳಿಗೆ ಅರ್ಥವಾಗಲಿಲ್ಲ. ನಾನೂ ಹೇಳಲಿಲ್ಲ. ಹೇಳದೆ ಇರುವುದು ನನಗೆ ಹಳೆಯ ರೂಢಿ.

ಎಪ್ಪತ್ತರ ದಶಕ ಆಗಷ್ಟೇ ಶುರುವಾಗಿತ್ತು. ಟ್ರೇನಿಂಗ್ ಮುಗಿಸಿದ ನನಗೆ ಚಿತ್ತಾಪುರದ ಹತ್ತಿರದ ದಂಡೋತಿಯಲ್ಲಿ ಮೊದಲ ನೌಕರಿ ಸಿಕ್ಕಿತು. ಕಾಗಿಣಾ ಹೊಳೆಯ ದಂಡೆಯ ಊರು. ನನಗೆ ಇಪ್ಪತ್ತೊಂದು. ಒಂದು ಡಬ್ಬಿ ಸೀಮೆಸುಣ್ಣ ಇದ್ದರೆ ಜಗತ್ತನ್ನೇ ತಿದ್ದಿಬಿಡಬಹುದು ಎಂದುಕೊಳ್ಳುವ ವಯಸ್ಸು. ಆ ಶಾಲೆಗೆ ಹೆಣ್ಣು ಮಾಸ್ತರ್ ಅಂತ ಬಂದವಳು ನಾನೇ ಮೊದಲಿಗಳು. ನಾನು ಬಂದ ಮೇಲೆ ಹನ್ನೊಂದು ಹುಡುಗಿಯರು ಶಾಲೆಗೆ ಸೇರಿದರು. ಆ ಹನ್ನೊಂದು ಮಂದಿಯ ಮೇಲೆ ನನಗೆ ಎಷ್ಟು ಜಂಬವಿತ್ತೆಂದರೆ, ಹಾಜರಿ ಕೂಗುವಾಗ ಅವರ ಹೆಸರುಗಳನ್ನು ಬೇಕೆಂದೇ ಗಟ್ಟಿಯಾಗಿ ಕೂಗುತ್ತಿದ್ದೆ.

ನಾನು ಬಾಡಿಗೆಗೆ ಇದ್ದದ್ದು ಒಂದು ಮಾಳಿಗೆ ಮನೆಯ ಅಂಗಳದಾಚೆಯ ಸಣ್ಣ ಖೋಲಿಯಲ್ಲಿ. ಮನೆಯ ಯಜಮಾನ ಶಹಾಬಾದ ಕಡೆ ಒಬ್ಬ ಗುತ್ತೇದಾರನ, ನೆಲಕ್ಕೆ ಹಾಸುವ ಫರಸಿ ಕಲ್ಲಿನ ಗಣಿಯಲ್ಲಿ ಕೆಲಸ ಮಾಡುತ್ತಿದ್ದ. ಸೋಮವಾರ ನಸುಕಿನಲ್ಲಿ ಹೋದರೆ ಮನೆಗೆ ಬರುವುದು ಶನಿವಾರ ಸಂಜೆ. ಅವನನ್ನು ಅಣ್ಣ ಎನ್ನುತ್ತಿದ್ದೆ, ಅದಕ್ಕೇ ಅವನ ಹೆಂಡತಿ ನನಗೆ ವೈನಿ. ಅವಳಿಗೆ ಮೂವತ್ತರ ಆಸುಪಾಸು ಇರಬೇಕು. ಮನೆಯಲ್ಲಿ ಅವಳ ಅತ್ತೆ, ಮತ್ತೆ ಒಬ್ಬಳೇ ಮಗಳು. ಮಗಳು ನನ್ನ ಹನ್ನೊಂದರಲ್ಲಿ ಒಬ್ಬಳು, ನಾಲ್ಕನೆಯ ತರಗತಿ.

ಹಿತ್ತಲ ಗೋಡೆಯ ಮೇಲೆ ಹಬ್ಬಿದ ಬಳ್ಳಿ ದಸರೆ ಮುಗಿಯುವ ಹೊತ್ತಿಗೆ ಒಣಗುತ್ತಿತ್ತು. ಕಾಯಿಗಳನ್ನೆಲ್ಲ ಇಳಿಸಿ, ಅಟ್ಟದ ಮೇಲೆ ಹುಲ್ಲು ಹಾಸಿ ಸಾಲಾಗಿ ಇಡುತ್ತಿದ್ದರು. ಚಳಿಗಾಲವೆಲ್ಲ ಅವೇ ಗತಿ. ಆದರೆ ಆ ಮನೆಯಲ್ಲಿ ಒಂದು ಕಟ್ಟು ಇತ್ತು. ಇಡೀ ಕುಂಬಳಕಾಯಿಗೆ ಮೊದಲ ಏಟು ಗಂಡಸಿನ ಕೈಯಿಂದಲೇ ಬೀಳಬೇಕು. ಹೆಂಗಸು ಕೊಯ್ದರೆ ಮನೆಯ ಗಂಡುಜೀವಕ್ಕೆ ಕೇಡು. ಹಾಗಾಗಿ ಶನಿವಾರ ರಾತ್ರಿ ಊಟಕ್ಕೆ ಮುಂಚೆ ಅಣ್ಣ ಕುಡಗೋಲಿನಿಂದ ಒಂದು ಕಾಯಿಗೆ ಕಚ್ಚು ಹಾಕಿ ಕೊಡುತ್ತಿದ್ದ. ಅದಾದ ಮೇಲೆ ವೈನಿ ಈಳಿಗೆಯ ಮುಂದೆ ಕೂತು ಹೋಳು ಮಾಡುತ್ತಿದ್ದಳು. ನಾನು ಬೆಳೆದದ್ದು ಗುಲಬರ್ಗಾದಲ್ಲಿ, ಅಲ್ಲಿ ಸಂತೆಯವನೇ ಸೀಳಿ ಕೊಡುತ್ತಿದ್ದನಾದ್ದರಿಂದ ಇಂಥದ್ದೊಂದು ಇದೆ ಎಂದೇ ನನಗೆ ಗೊತ್ತಿರಲಿಲ್ಲ. ಗೊತ್ತಾದ ಮೇಲೆ ನಕ್ಕುಬಿಟ್ಟೆ. ವೈನಿಯೂ ನಕ್ಕಳು, ಆದರೆ ಅಣ್ಣನ ಏಟು ಬೀಳುವ ತನಕ ಈಳಿಗೆ ಮಾತ್ರ ಮುಟ್ಟಲಿಲ್ಲ.

ಅವಳು ಮಾಡುತ್ತಿದ್ದ ಕುಂಬಳಕಾಯಿ ಭರ್ತದ ರುಚಿ ಈಗಲೂ ನಾಲಗೆಯ ಮೇಲಿದೆ. ಹೋಳುಗಳಿಗೆ ಒಂದು ಹನಿ ನೀರನ್ನೂ ಹಾಕುತ್ತಿರಲಿಲ್ಲ. ಗಡಿಗೆಯ ಬಾಯಿಗೆ ತಾಟು ಮುಚ್ಚಿ, ನೀರನ್ನು ಆ ತಾಟಿನ ಮೇಲೆ ಸುರಿಯುತ್ತಿದ್ದಳು. ಸಗಣಿ ಕುಳ್ಳಿನ ಸಣ್ಣ ಉರಿಯಲ್ಲಿ ಕಾಯಿ ತನ್ನ ನೀರಿನಲ್ಲೇ ಬೇಯಬೇಕು. ಬಿಸಿ ಇರುವಾಗಲೇ ಸೌಟಿನ ಬೆನ್ನಿನಿಂದ ಹಿಸುಕಬೇಕು, ಅದೂ ಪೂರ್ತಿ ಅಲ್ಲ, ಹಲ್ಲಿಗೆ ಅಲ್ಲೊಂದು ಇಲ್ಲೊಂದು ಚೂರು ಸಿಗಬೇಕು. ಆಮೇಲೆ ಕುಸುಬೆ ಎಣ್ಣೆಯ ಒಗ್ಗರಣೆ. ಸಾಸಿವೆ, ಜೀರಿಗೆ, ಸಿಪ್ಪೆ ಸಮೇತ ಜಜ್ಜಿದ ಬೆಳ್ಳುಳ್ಳಿ, ಒಂದು ಚಿಟಿಕೆ ಖಾರ. ಕೊನೆಗೆ ಶೇಂಗಾದ ಪುಡಿ, ಕಡಲೆಯಷ್ಟು ಬೆಲ್ಲ. ಬಿಸಿ ಜೋಳದ ರೊಟ್ಟಿ ಮುರಿದು ಅದಕ್ಕೆ ಅದ್ದಿಕೊಂಡರೆ ಲೆಕ್ಕವೇ ತಪ್ಪುತ್ತಿತ್ತು. ನನಗೆ ಅಡುಗೆ ಅಂತ ಬಂದದ್ದು ಆ ಒಲೆಯ ಮುಂದೆಯೇ.

ಎರಡನೆಯ ವರ್ಷದ ಚಳಿಗಾಲ. ಅತ್ತೆ ತನ್ನ ಮಗಳ ಬಾಣಂತನಕ್ಕೆಂದು ಕಾಳಗಿಗೆ ಹೋಗಿದ್ದಳು. ವೈನಿಗೆ ಜ್ವರ ಬಂತು. ಮೂರು ದಿನ ಗಂಜಿ ಬಿಟ್ಟು ಏನನ್ನೂ ಮುಟ್ಟಲಿಲ್ಲ. ಅವತ್ತು ಗುರುವಾರ. ಶಾಲೆ ಬಿಟ್ಟು ಬಂದು ಏನಾದರೂ ತಿನ್ನಬೇಕು ಅನಿಸುತ್ತಿದೆಯೇ ಎಂದು ಕೇಳಿದೆ.

"ಬಾಯಿ ಭಾಳ ಕೆಟ್ಟದ್ರಿ ಅಕ್ಕೋರೆ. ಗುಂಬಳಕಾಯಿ ಭರ್ತ ಇದ್ರ ಎರಡು ತುತ್ತು ಹೋಗ್ತಿತ್ತು ನೋಡ್ರಿ. ಇರಲಿ, ನಾಡಿದ್ದು ಅವರು ಬರ್ತಾರಲ್ಲ, ಬಂದು ಏಟು ಹಾಕಲಿ," ಎಂದು ಗೋಡೆಯ ಕಡೆ ಹೊರಳಿದಳು.

ನಾಡಿದ್ದರ ತನಕ ಯಾಕೆ? ಅಟ್ಟದ ಮೇಲೆ ಆರು ಕಾಯಿ ಕೂತಿವೆ, ಕೆಳಗೆ ಒಬ್ಬಳು ಹಸಿದು ಮಲಗಿದ್ದಾಳೆ. ನನಗೆ ನಿಜಕ್ಕೂ ಸಿಟ್ಟು ಬಂತು. ಪಕ್ಕದ ಮನೆಯ ಯಾವ ಗಂಡಸನ್ನಾದರೂ ಕರೆದಿದ್ದರೆ ಅರ್ಧ ನಿಮಿಷದ ಕೆಲಸ. ಕರೆಯಲಿಲ್ಲ. ಏಣಿ ಹಾಕಿ ಒಂದು ಕಾಯಿ ಇಳಿಸಿದೆ. ಕುಡಗೋಲು ತಂದು, ಎರಡೂ ಕೈಯಲ್ಲಿ ಹಿಡಿದು, ನಾನೇ ಏಟು ಹಾಕಿದೆ. ಟಪ್ ಎಂದು ಸೀಳಿತು. ಆ ವಾಸನೆ ಎದ್ದಿತು. ಸುಳ್ಳು ಯಾಕೆ ಹೇಳಲಿ, ಆ ಕ್ಷಣ ಏನೋ ಗೆದ್ದವಳ ಹಾಗೆ ಅನಿಸಿತ್ತು.

ಭರ್ತ ಚೆನ್ನಾಗಿಯೇ ಆಯಿತು. ವೈನಿ ಎದ್ದು ಕೂತು ರೊಟ್ಟಿ ಮುರಿದಳು. ಮೂರನೆಯ ತುತ್ತಿಗೆ ಕೈ ನಿಂತಿತು.

"ಯಾರ ಕಡಿಂದ ಕೊಯ್ಸಿದ್ರಿ?"

ನಾನೇ ಎಂದೆ, ಎದೆ ಸೆಟೆಸಿ. ಅವಳು ತಾಟು ನೋಡಿದಳು. ಆಮೇಲೆ ಮೆಲ್ಲಗೆ ನಕ್ಕು, "ಸಾಲಿ ಕಲ್ತವರಿಗಿ ಇವೆಲ್ಲ ಹತ್ತಂಗಿಲ್ಲ ಬಿಡ್ರಿ. ಅತ್ತಿ ಮುಂದ ಮಾತ್ರ ಅನಬ್ಯಾಡ್ರಿ," ಎಂದು ಉಳಿದದ್ದನ್ನೂ ತಿಂದಳು. ಬೀಜಗಳನ್ನು ತೊಳೆದು ಒಣಗಲು ಹಾಕಲು ಹೇಳಿದಳು. ಅಂಗಳದ ಕಟ್ಟೆಯ ಮೇಲೆ ಹರವಿದೆ.

ಮರುದಿನ ಬೆಳಿಗ್ಗೆ ಅಣ್ಣನ ಹೆಣ ಬಂತು.

ಲಾರಿಯಲ್ಲಿ ತಂದಿದ್ದರು. ಗಣಿಯಲ್ಲಿ ಎಬ್ಬಿಸಿ ನಿಲ್ಲಿಸಿದ್ದ ಫರಸಿ ಚಪ್ಪಡಿ ಜಾರಿ ಮೈಮೇಲೆ ಬಿದ್ದಿತ್ತು. ಜತೆಗೆ ಬಂದ ಕೆಲಸಗಾರರು ಅದನ್ನೇ ಹೇಳಿದ್ದೇ ಹೇಳಿದರು. ನಿನ್ನೆ ಹೊತ್ತು ಏರುವ ಹೊತ್ತಿಗೆ, ಚಹಾ ಕುಡಿದು ಕೆಲಸಕ್ಕೆ ಕೈ ಹಾಕಿದ್ದೇ... ಅಷ್ಟು ಕೇಳಿದ್ದೇ ತಡ, ಮಕ್ಕಳಿಗೆ ಲೆಕ್ಕ ಕಲಿಸುವ ನನ್ನ ತಲೆ ಲೆಕ್ಕ ಹಾಕಿತು. ಕಲ್ಲು ಬಿದ್ದದ್ದು ಬೆಳಿಗ್ಗೆ. ಕುಡಗೋಲು ಬಿದ್ದದ್ದು ಸಂಜೆ. ನಾನು ಕಾಯಿ ಕೊಯ್ಯುವ ಹೊತ್ತಿಗೆ ಅಣ್ಣ ಹೋಗಿ ಆರು ತಾಸು ಆಗಿತ್ತು. ಇಷ್ಟು ಹೊತ್ತಿಗೆ ಇಂಥದ್ದಾಯಿತು ಎಂದು ಸಾಕ್ಷಿ ಹೇಳಬಲ್ಲ ಕೈಗಡಿಯಾರ ಆ ಓಣಿಯಲ್ಲಿ ಇದ್ದದ್ದು ಒಂದೇ. ಅದು ನನ್ನ ಕೈಯಲ್ಲಿತ್ತು.

ಮಧ್ಯಾಹ್ನ ಕಾಳಗಿಯಿಂದ ಅತ್ತೆ ಬಂದಳು. ಮಗನ ಮೇಲೆ ಬಿದ್ದು ಅತ್ತಳು, ಎದ್ದಳು, ಮತ್ತೆ ಬಿದ್ದಳು. ಕೊನೆಗೆ ಕಟ್ಟೆಯ ಮೇಲೆ ಕೂರಿಸಲು ನಾಲ್ಕು ಹೆಂಗಸರು ಎತ್ತಿ ತಂದಾಗ ಅವಳ ಅಂಗೈಗೆ ಬೀಜಗಳು ಅಂಟಿದವು. ನೋಡಿದಳು. ಅಳು ನಿಂತಿತು.

"ಮನ್ಯಾಗ ಗಂಡಸು ಇದ್ದಿಲ್ಲ. ಇದಕ್ಕ ಏಟು ಯಾರ್ ಹಾಕಿದ್ರು?"

ಅಂಗಳದ ತುಂಬ ಜನ. ನಾನು ನನ್ನ ಖೋಲಿಯ ಬಾಗಿಲಲ್ಲಿ ನಿಂತಿದ್ದೆ. ಬಾಯಿ ತೆರೆದದ್ದು ನೆನಪಿದೆ. ಮಾತು ಬರಲಿಲ್ಲವೋ, ನಾನೇ ಬಿಡಲಿಲ್ಲವೋ... ಇಷ್ಟು ವರ್ಷ ಎರಡನ್ನೂ ಹೇಳಿಕೊಂಡು ನೋಡಿದ್ದೇನೆ. ಬಿಡಲಿಲ್ಲ ಎನ್ನುವುದೇ ನಿಜ.

ಹೆಣದ ಪಕ್ಕ ಕೂತಿದ್ದ ವೈನಿ ತಲೆ ಎತ್ತಿ ನನ್ನನ್ನು ಒಮ್ಮೆ ನೋಡಿದಳು. ಆಮೇಲೆ ಅತ್ತೆಯ ಕಡೆ ತಿರುಗಿ, "ನಾನೇ ಹಾಕೀನ್ರಿ ಅತ್ತಿ. ಜ್ವರದಾಗ ಬಾಯಿ ಕೆಟ್ಟಿತ್ತು, ಆಸಿ ಆತು," ಎಂದಳು.

ಜ್ವರ ಇನ್ನೂ ಇಳಿಯದ ಹೆಂಗಸು. ಗಂಡನ ಹೆಣದ ಮುಂದೆ, ನನಗಾಗಿ ಸುಳ್ಳು ಹೇಳಿದಳು. ಅತ್ತೆ ಮುಷ್ಟಿ ತುಂಬ ಬೀಜ ತೆಗೆದುಕೊಂಡು ಅವಳ ಮುಖಕ್ಕೆ ಎಸೆದಳು.

ಅವತ್ತಿನಿಂದ ಆ ಮನೆಯಲ್ಲಿ ಎರಡು ಒಲೆ ಆದವು. ಸೊಸೆ ಮುಟ್ಟಿದ ಅನ್ನ ನನಗೆ ಬೇಡ ಎಂದು ಅತ್ತೆ ಒಳಗಿನ ಒಲೆ ಹಿಡಿದಳು. ವೈನಿ ದನದ ಕೊಟ್ಟಿಗೆಯ ಪಕ್ಕ ಮೂರು ಕಲ್ಲು ಹೂಡಿದಳು. ಮೊಮ್ಮಗಳ ಊಟವೂ ಒಳಗೇ. ಬಾವಿಯ ಹತ್ತಿರ ಹೆಂಗಸರು ವೈನಿಗೆ ದಾರಿ ಬಿಡುತ್ತಿದ್ದರು, ಗೌರವಕ್ಕಲ್ಲ. ದಿನಾ ಸಂಜೆ ನನ್ನ ಕಿಟಕಿಯಿಂದ ಎರಡು ಹೊಗೆ ಏಳುವುದು ಕಾಣುತ್ತಿತ್ತು. ನಾನು ಮಕ್ಕಳ ಕಾಪಿ ಪುಸ್ತಕ ತಿದ್ದುತ್ತ ಕೂರುತ್ತಿದ್ದೆ.

ತಿಂಗಳು ಕಳೆದ ಮೇಲೆ ಒಂದು ದಿನ ತಡೆಯಲಾಗದೆ ಹಿತ್ತಲಿಗೆ ಹೋಗಿ ವೈನಿಯ ಎದುರು ಕೂತೆ. ಬೆಳಿಗ್ಗೆ, ಸಂಜೆ, ಆರು ತಾಸು, ಎಲ್ಲ ಒದರಿಬಿಟ್ಟೆ. ಈಗಲೇ ಹೋಗಿ ನಿಮ್ಮ ಅತ್ತೆಗೆ ಹೇಳುತ್ತೇನೆ, ಕೊಯ್ದದ್ದು ನಾನು ಎಂದೂ ಹೇಳುತ್ತೇನೆ ಎಂದೆ. ಅವಳು ಕುಳ್ಳು ತಟ್ಟುವುದನ್ನು ನಿಲ್ಲಿಸಲಿಲ್ಲ.

"ಅತ್ತಿಗಿ ಗಡಿಯಾರ ಯಾಕ ಬೇಕ್ರಿ? ಮಗನ್ನ ಕಳಕೊಂಡಾಳ. ಬೈಲಿಕ್ಕ ಒಬ್ಬರು ಬೇಕು. ನೀವು ಅಂತ ಗೊತ್ತಾದ್ರ ನಾಳಿಗಿ ಸಾಲಿಗಿ ಒಂದು ಹೆಣ್ಣುಕೂಸು ಬರಂಗಿಲ್ಲ. ನನ್ನ ಮಗಳೂ ಬರಂಗಿಲ್ಲ. ನಂದೇನು, ಹೋಗೋದು ಹೋಗ್ಯಾದ. ಹೋಗ್ರಿ, ಗಂಟಿ ಹೊಡಿಯೋ ಟೈಮ್ ಆಗ್ಯಾದ."

ನಾನು ಹೋಗಿ ಗಂಟೆ ಹೊಡೆದೆ. ಹನ್ನೊಂದು ಹೆಸರು ಕೂಗಿದೆ. ಹನ್ನೊಂದೂ ಹಾಜರ್. ಅವತ್ತು ಗಟ್ಟಿಯಾಗಿ ಕೂಗಲು ಆಗಲಿಲ್ಲ.

ಆ ಬೇಸಿಗೆಗೆ ನಾನೇ ಅರ್ಜಿ ಬರೆದು ಸೇಡಂ ಕಡೆಗೆ ವರ್ಗ ಮಾಡಿಸಿಕೊಂಡೆ. ಓಡಿಹೋದೆ ಎಂದರೂ ಸರಿಯೇ. ಹೊರಡುವ ದಿನ ವೈನಿ ಬಸ್ಸಿನ ತನಕ ನನ್ನ ಟ್ರಂಕು ಹೊತ್ತು ಬಂದಳು. ಬಸ್ಸು ಬಿಡುವಾಗ ಕಿಟಕಿಗೆ ಮುಖ ತಂದು, ಊಟ ತಿಂಡಿಯ ಮಾತು ಆಡುವವಳ ಹಾಗೆ, "ಅಲ್ಲಿ ಗುಂಬಳಕಾಯಿ ತಂದ್ರ ಯಾರ್ನಾರ ಗಂಡಸರ್ನ ಕರದು ಕೊಯ್ಸಿರಿ ಅಕ್ಕೋರೆ," ಎಂದಳು.

ಬಸ್ಸು ಊರು ದಾಟಿದ ಮೇಲೆ ಆ ಮಾತು ನನಗೆ ತಟ್ಟಿತು. ಹಾಗಾದರೆ ಅವಳೂ ನಂಬಿದ್ದಳೇ? ನನ್ನ ಕೈಯಿಂದಲೇ ತನ್ನ ಗಂಡ ಹೋದ ಎಂದು ಒಳಗೊಳಗೆ ನಂಬಿಕೊಂಡೇ ನನ್ನನ್ನು ಕಾಪಾಡಿದಳೇ? ನಾನು ಮಾಡಿದ ಆ ಭರ್ತ ನೆನಪಾದಾಗಲೆಲ್ಲ ಅವಳಿಗೆ ಏನನ್ನಿಸಿರಬಹುದು... ಕೇಳಲು ತಿರುಗಿ ಹೋಗಲಿಲ್ಲ. ಸೇಡಂನಿಂದ ದಂಡೋತಿ ಏನೂ ದೂರವಲ್ಲ. ಆದರೂ ಹೋಗಲಿಲ್ಲ.

ಎಷ್ಟೋ ವರ್ಷಗಳ ಮೇಲೆ ಚಿತ್ತಾಪುರದಲ್ಲಿ ಶಿಕ್ಷಕರ ತರಬೇತಿ. ಊಟದ ಸಾಲಿನಲ್ಲಿ ಒಬ್ಬ ಹೆಣ್ಣುಮಗಳು ಬಂದು ನನ್ನ ಕಾಲು ಮುಟ್ಟಿದಳು. ವೈನಿಯ ಮಗಳು. ಹನ್ನೊಂದರಲ್ಲಿ ಅವಳೊಬ್ಬಳು ಮಾಸ್ತರಿಕೆ ಹಿಡಿದಿದ್ದಳು. ಅವ್ವ ಹೇಗಿದ್ದಾಳೆ ಎಂದು ಕೇಳಿದೆ.

"ಹೋದ ಉಗಾದಿಗಿ ತೀರ್ಕೊಂಡ್ಳ್ರಿ," ಎಂದಳು. ಅವಳೇ ಮುಂದುವರಿಸಿದಳು. ಅಜ್ಜಿ ಹಾಸಿಗೆ ಹಿಡಿದಾಗ ಹೇಲು ಉಚ್ಚೆ ಬಳಿದದ್ದು ಅವ್ವನೇ. ಆಗಲೂ ಅಜ್ಜಿ ಅವ್ವನ ಕೈಯ ಅನ್ನ ಮಾತ್ರ ತಿನ್ನಲಿಲ್ಲ, ಓಣಿಯವರೇ ತಂದು ಉಣ್ಣಿಸಿದರು.

"ನಾನೂ ಸಣ್ಣಾಕಿ ಇದ್ದಾಗ ಅವ್ವನ ಸಂಗಟ ಭಾಳ ದಿನ ಮಾತಾಡಿಲ್ರಿ ಟೀಚರ್. ಅಪ್ಪನ್ನ ನೀನೇ ಕಳದಿ ಅಂತಿದ್ದೆ. ಒಮ್ಮಿನೂ ಎದುರು ಮಾತಾಡ್ಲಿಲ್ಲ ನೋಡ್ರಿ ಆಕಿ."

ನನ್ನ ಕೈಯಲ್ಲಿ ತಾಟಿತ್ತು. ಹಿಂದಿನವರು ಮುಂದೆ ಸರಿಯಿರಿ ಎಂದರು. ನಾನು ಸರಿದೆ. ಅವಳ ಮುಂದೆ ನಿಂತು ನಾಲ್ಕು ಮಾತು ಹೇಳಿದ್ದರೆ ಅವಳ ಅವ್ವ ಅವಳಿಗೆ ವಾಪಸು ಸಿಗುತ್ತಿದ್ದಳು, ಸತ್ತ ಮೇಲಾದರೂ. ಅನ್ನ ಹಾಕಿಸಿಕೊಂಡೆ, ಸಾರು ಹಾಕಿಸಿಕೊಂಡೆ. ತಿರುಗಿ ನೋಡಿದಾಗ ಅವಳು ತನ್ನ ಊರಿನವರ ಜತೆ ಕೂತಿದ್ದಳು. ಅದಾದ ಮೇಲೆ ಅವಳು ನನಗೆ ಸಿಗಲಿಲ್ಲ. ಈಗ ಎಲ್ಲಿದ್ದಾಳೋ ಗೊತ್ತಿಲ್ಲ.

ಇವತ್ತು ಮಧ್ಯಾಹ್ನ ಸೊಸೆ ಬಟ್ಟೆ ಒಣಗಿಸಲು ಮಾಳಿಗೆಗೆ ಹೋಗಿದ್ದಾಗ ಕುಂಬಳಕಾಯಿಯನ್ನು ಅಡುಗೆಮನೆಯ ನೆಲದ ಮೇಲೆ ಇಟ್ಟುಕೊಂಡು ಕೂತೆ. ನನ್ನ ಮಗ ಮುಂದಿನ ಕೋಣೆಯಲ್ಲೇ ಇದ್ದ. ಕರೆಯಲಿಲ್ಲ. ದೊಡ್ಡ ಚಾಕು ಹಿಡಿದು ನಾನೇ ಏಟು ಹಾಕಿದೆ. ವಯಸ್ಸಾಗಿದೆ, ಒಂದೇ ಏಟಿಗೆ ಸೀಳಲಿಲ್ಲ. ನೀರು ಹಾಕದೆ ಬೇಯಿಸಿದೆ, ಮುಚ್ಚಿದ ತಾಟಿನ ಮೇಲೆ ನೀರು ಸುರಿದೆ. ಬಿಸಿ ಇರುವಾಗಲೇ ಹಿಸುಕಿದೆ. ಬೆಳ್ಳುಳ್ಳಿಯ ಒಗ್ಗರಣೆ ಚುಂಯ್ ಎಂದಾಗ ಕಣ್ಣು ತುಂಬಿತು. ಹೊಗೆಯಿಂದಲ್ಲ, ಗ್ಯಾಸಿನ ಒಲೆಗೆ ಹೊಗೆ ಎಲ್ಲಿಂದ ಬರಬೇಕು.

"ನಾನೇ ಕೊಯ್ದೆ," ಎಂದೆ ಬಾಯಿ ಬಿಟ್ಟು, ಗಟ್ಟಿಯಾಗಿ. "ಅವತ್ತು ಕೊಯ್ದಾಕಿ ನಾನು. ವೈನಿ ಅಲ್ಲ."

ಸೊಸೆ ಖಾಲಿ ಬುಟ್ಟಿ ಹಿಡಿದು ಬಾಗಿಲಿಗೆ ಬಂದಿದ್ದಳು.

"ಏನಂದ್ರಿ ಅತ್ತಿ?"

"ಏನಿಲ್ಲವ್ವ," ಎಂದೆ. "ಉಪ್ಪು ಸರಿ ಅದಾ ನೋಡು."