ಮಾಸ್ತರರ ನೂರ ಎಂಬತ್ತು ಕಂತುಗಳು

2024ರ ಮೇ ತಿಂಗಳು. ನಾನಾಗ ಶಹಾಪುರದ ಬ್ಯಾಂಕ್ ಶಾಖೆಯೊಂದರಲ್ಲಿ ಸೀನಿಯರ್ ಮ್ಯಾನೇಜರ್. ನಿವೃತ್ತಿಗೆ ಹದಿಮೂರು ತಿಂಗಳು ಬಾಕಿ ಇತ್ತು. ಹುಟ್ಟಿದ್ದು ಯಾದಗಿರಿಯಲ್ಲಿ, ಗುಮಾಸ್ತನಾಗಿ ಸೇರಿದ್ದು ಸುರಪುರದಲ್ಲಿ, ನಡುವೆ ಎಲ್ಲೆಲ್ಲೋ ತಿರುಗಿ ಕೊನೆಗೆ ಮನೆಯ ಹತ್ತಿರವೇ ಬಂದು ಬಿದ್ದಿದ್ದೆ. ನಾನು ಸಿಟ್ಟಿನ ಮನುಷ್ಯ ಎಂದು ಸಿಬ್ಬಂದಿ ಬೆನ್ನ ಹಿಂದೆ ಆಡಿಕೊಳ್ಳುತ್ತಿದ್ದರು. ಸುಳ್ಳೇನಲ್ಲ. ಆದರೆ ಗೃಹಸಾಲ ತೀರಿಸಿದವರಿಗೆ ಮನೆಯ ಕಾಗದಪತ್ರ ಹಿಂದಿರುಗಿಸುವ ದಿನ ಮಾತ್ರ ನನ್ನ ಸಿಟ್ಟೂ ರಜೆ ಹಾಕಿರುತ್ತಿತ್ತು. ಅಂಥ ಹೊತ್ತಿನಲ್ಲಿ ಜನರ ಮುಖ ನೋಡುವುದೇ ನನಗೊಂದು ಹಬ್ಬ.

ಆ ತಿಂಗಳ ಎರಡನೇ ವಾರ, ಬೆಳಿಗ್ಗೆ ಹನ್ನೊಂದರ ಸುಮಾರಿಗೆ ಹಣಮಂತ ಮಾಸ್ತರರು ಬಂದರು. ಊರಿನ ಖಾಸಗಿ ಹೈಸ್ಕೂಲೊಂದರಲ್ಲಿ ಮೂವತ್ತೊಂದು ವರ್ಷ ಗಣಿತ ಕಲಿಸಿದವರು. ಅದೇ ತಿಂಗಳ ಕೊನೆಗೆ ಅವರ ನಿವೃತ್ತಿ. ಸರ್ಕಾರಿ ನೌಕರಿಯಲ್ಲ, ಆದ್ದರಿಂದ ಪಿಂಚಣಿ ಇಲ್ಲ. ಸಿಗುವುದು ಪಿ.ಎಫ್. ಹಣ ಮಾತ್ರ, ಅದೂ ಎರಡು ಲಕ್ಷದ ಆಸುಪಾಸು. ಕೈಯಲ್ಲಿ ಒಂದು ಕಿಲೋ ಪೇಡೆಯ ಡಬ್ಬಿ ಹಿಡಿದಿದ್ದರು. ನನ್ನ ಕೋಣೆಗೆ ಬರುವ ಮೊದಲೇ ಕ್ಯಾಷಿಯರ್‌ನಿಂದ ಹಿಡಿದು ಜವಾನನವರೆಗೆ ಎಲ್ಲರಿಗೂ ಹಂಚಿಯಾಗಿತ್ತು.

“ಬಾಯಿ ಸಿಹಿ ಮಾಡ್ಕೋರಿ ಸಾಹೇಬ್ರ. ಇವತ್ತಿಗಿ ಮನಿ ನಮ್ಮದಾತು. ಕಾಗದಪತ್ರ ಕೊಟ್ಟುಬಿಡ್ರಿ,” ಎಂದರು.

ಜೊತೆಗೆ ಒಂದು ಗ್ರಾಫ್ ಪುಸ್ತಕ ತಂದಿದ್ದರು. ಜೂನ್ 2009ರಿಂದ ಪ್ರತಿ ತಿಂಗಳು ಬ್ಯಾಂಕಿಗೆ ಹಣ ಹೋದ ದಿನ ಒಂದು ಚೌಕಕ್ಕೆ ಕೆಂಪು ಪೆನ್ನಿನಿಂದ ಗೀಟು. ಸಾಲಿಗೆ ಹನ್ನೆರಡು, ಹದಿನೈದು ಸಾಲು, ಒಟ್ಟು ನೂರ ಎಂಬತ್ತು. ಒಂದು ಗೀಟೂ ಚೌಕದಿಂದ ಆಚೆ ಹೋಗಿರಲಿಲ್ಲ. ಬುದ್ಧ ಪೂರ್ಣಿಮೆಯ ದಿನ ಓಣಿಯವರಿಗೆಲ್ಲ ಊಟ ಹಾಕಿ, ಬುದ್ಧನ ಫೋಟೋದ ಮುಂದೆ ಆ ಕಾಗದ ಇಟ್ಟು ವಂದನೆ ಮಾಡಬೇಕೆಂದು ಹೆಂಡತಿ ಎಲ್ಲರಿಗೂ ಹೇಳಿಬಿಟ್ಟಿದ್ದಾರಂತೆ. ಪೂರ್ಣಿಮೆಗೆ ಹತ್ತೇ ದಿನ ಉಳಿದಿತ್ತು.

ನಾನು ಪೇಡೆ ಬಾಯಿಗೆ ಹಾಕಿಕೊಂಡು ಅವರ ಖಾತೆ ತೆರೆದೆ. ಬಾಕಿ 2,91,836 ರೂಪಾಯಿ. ಉಳಿದ ಕಂತು ಅರವತ್ತೆರಡು. ಖಾತೆಯ ಸಂಖ್ಯೆ ತಪ್ಪಾಗಿರಬೇಕೆಂದು ಇನ್ನೊಮ್ಮೆ ಹಾಕಿ ನೋಡಿದೆ. ತಪ್ಪಾಗಿರಲಿಲ್ಲ. 

ಆದದ್ದು ಇಷ್ಟು. ಮನೆ ಕಟ್ಟಲು ಮಾಸ್ತರರು ಹದಿನೈದು ವರ್ಷದ ಅವಧಿಗೆ ತೆಗೆದುಕೊಂಡದ್ದು ಆರು ಲಕ್ಷ. ಅದನ್ನು ಬ್ಯಾಂಕು ಒಂದೇ ಸಲ ಕೊಡುವುದಿಲ್ಲ. ಬುನಾದಿಗೆ ಇಷ್ಟು, ಸ್ಲ್ಯಾಬಿಗೆ ಇಷ್ಟು ಎಂದು ಹಂತಹಂತವಾಗಿ ಬಿಡುತ್ತದೆ. ಅಷ್ಟು ದಿನ ಬಿಟ್ಟ ಹಣಕ್ಕೆ ಬಡ್ಡಿ ಮಾತ್ರ ಕಟ್ಟಬೇಕು. ಇದನ್ನು ಪ್ರಿ-ಇಎಂಐ ಎನ್ನುತ್ತೇವೆ. ಅದರಿಂದ ಅಸಲು ಒಂದು ರೂಪಾಯಿಯೂ ಕರಗುವುದಿಲ್ಲ. ಮಾಸ್ತರರ ಮನೆ ಮುಗಿಯಲು ಹದಿನಾಲ್ಕು ತಿಂಗಳು ಹಿಡಿದಿತ್ತು. ಆ ಹದಿನಾಲ್ಕಕ್ಕೂ ಅವರು ಗೀಟು ಹಾಕಿದ್ದರು. ನಿಜವಾದ ಕಂತು ಶುರುವಾದದ್ದು ಆಗಸ್ಟ್ 2010ರಲ್ಲಿ, ತಿಂಗಳಿಗೆ 6,265 ರೂಪಾಯಿಯಂತೆ.

ಎರಡನೆಯದು ದೊಡ್ಡದು. ಸಾಲ ಫ್ಲೋಟಿಂಗ್ ದರದ್ದು, ಅಂದರೆ ಬಡ್ಡಿ ಏರಿಳಿಯುವಂಥದ್ದು. ತೆಗೆದುಕೊಂಡಾಗ ಶೇಕಡಾ ಒಂಬತ್ತೂವರೆ ಇದ್ದದ್ದು 2012ರಲ್ಲಿ ಹನ್ನೊಂದೂವರೆಗೆ ಏರಿತು. ದರ ಏರಿದಾಗ ಬ್ಯಾಂಕು ಒಂದೋ ಕಂತು ಹೆಚ್ಚಿಸಬೇಕು, ಇಲ್ಲವೇ ಅವಧಿ ಉದ್ದ ಮಾಡಬೇಕು. ಕಂತು ಹೆಚ್ಚಿಸಿದರೆ ಗ್ರಾಹಕರು ಬಂದು ಜಗಳ ತೆಗೆಯುತ್ತಾರೆ. ಅವಧಿ ಬೆಳೆದರೆ ಯಾರ ಕಣ್ಣಿಗೂ ಬೀಳುವುದಿಲ್ಲ. ಹೀಗೆ ಸದ್ದಿಲ್ಲದೆ ನಲವತ್ತೆಂಟು ಕಂತು ಅವರ ಲೆಕ್ಕಕ್ಕೆ ಸೇರಿಕೊಂಡಿದ್ದವು. ಆಮೇಲೆ ಹೊಸ ಸಾಲಗಳ ದರ ಇಳಿದರೂ ಹಳೆಯ ಪದ್ಧತಿಯ ಇವರ ಸಾಲ ಅದೇ ದರದಲ್ಲಿ ಉಳಿಯಿತು. ಅರ್ಜಿ ಕೊಟ್ಟು ಬದಲಿಸಿಕೊಳ್ಳಬಹುದಿತ್ತು. ಕೊಡಬಹುದು ಎಂದು ಇವರಿಗೆ ಹೇಳಿದವರು ಯಾರು?

ನಾನು ಇದನ್ನೆಲ್ಲ ಹೇಳಿದಾಗ ಅವರು ನಂಬಲಿಲ್ಲ. ಕಾಗದ ಪೆನ್ನು ಇಸಿದುಕೊಂಡು ತಾವೇ ಲೆಕ್ಕ ಮಾಡಲು ಕೂತರು. ಹತ್ತು ನಿಮಿಷ. ನನಗೆ ತಡೆಯಲಾಗಲಿಲ್ಲ.

“ಅಲ್ರೀ ಮಾಸ್ತರ್ರ, ಗಣಿತ ಕಲಿಸೋರು ನೀವು. ಒಂದು ಸಲನಾದ್ರೂ ಸ್ಟೇಟ್‌ಮೆಂಟ್ ತಗೊಂಡು ನೋಡಬಾರದಿತ್ತೇನ್ರಿ?”

ಅಂದ ಮರುಕ್ಷಣವೇ ನಾಲಿಗೆ ಕಚ್ಚಿಕೊಂಡೆ. ಅವರ ಪೆನ್ನು ನಿಂತಿತು. ಕಾಗದದ ಮೇಲೆ ಉತ್ತರ ಬಂದಾಗಿತ್ತು. 2012ರಲ್ಲಿ ಕಂತನ್ನು ಕೇವಲ 669 ರೂಪಾಯಿ ಹೆಚ್ಚಿಸಿಕೊಂಡಿದ್ದರೆ ಅವಧಿ ಒಂದು ತಿಂಗಳೂ ಬೆಳೆಯುತ್ತಿರಲಿಲ್ಲ. ಅಷ್ಟೂ ವರ್ಷ ಸೇರಿದರೆ ಲಕ್ಷದ ಮೇಲೆ ನಾಲ್ಕು ಸಾವಿರ. ಹೆಚ್ಚಿಸದೇ ಇದ್ದುದಕ್ಕೆ ತೆರಬೇಕಾದದ್ದು ನಲವತ್ತೆಂಟು ಹೆಚ್ಚುವರಿ ಕಂತು, ಅಂದರೆ ಮೂರು ಲಕ್ಷ.

“ಚಕ್ರಬಡ್ಡಿ ನಾನೇ ಕಲಿಸೀನ್ರಿ ಸಾಹೇಬ್ರ, ಮೂವತ್ತೊಂದು ವರ್ಷ,” ಎಂದರು ಮೆಲ್ಲಗೆ. “ಬ್ಯಾಂಕಿನ ಪತ್ರ ಬಂದಿತ್ತು. ನಿಮ್ಮ ಕಂತಿನಾಗ ಏನೂ ಬದಲಾವಣಿ ಇಲ್ಲ ಅಂತ ಬರದಿತ್ತು. ಓದಿ ಖುಷಿ ಪಟ್ಟು ಫೈಲಿನಾಗ ಇಟ್ಟುಬಿಟ್ಟೆ.”

ಫೈಲಿನಿಂದ ಆ ಪತ್ರ ತೆಗೆದು ಮುಂದಿಟ್ಟರು. ಕೆಳಗಿನ ಸಹಿ ನೋಡಿದೆ. ಅದು ನನ್ನದೇ. 2012ರಲ್ಲಿ ನಾನು ಕಲಬುರಗಿಯ ಪ್ರಾದೇಶಿಕ ಕಚೇರಿಯಲ್ಲಿ ಸಾಲ ವಿಭಾಗ ನೋಡಿಕೊಳ್ಳುತ್ತಿದ್ದೆ. ಅಂಥ ಪತ್ರಗಳು ಸಾವಿರಗಟ್ಟಲೆ ಅಚ್ಚಾಗಿ ನನ್ನ ಸಹಿಯೊಂದಿಗೆ ಹೊರಟಿದ್ದವು. ಕಂತು ಬದಲಾಗಿಲ್ಲ ಎಂಬುದು ಮೊದಲ ಸಾಲಿನಲ್ಲಿತ್ತು. ಅವಧಿ ಪರಿಷ್ಕರಣೆಯಾಗಿದೆ ಎಂಬುದು ಎಲ್ಲಕ್ಕಿಂತ ಕೆಳಗೆ, ಸಣ್ಣ ಅಕ್ಷರದಲ್ಲಿ, ಇಂಗ್ಲಿಷಿನಲ್ಲಿ. ಮಾಸ್ತರರು ಹೆಸರನ್ನು ಗಮನಿಸಿರಲಿಲ್ಲ. ಹೇಳುವ ಧೈರ್ಯ ಆ ಹೊತ್ತು ನನಗೆ ಬರಲಿಲ್ಲ.

ಅವರು ಏಳುತ್ತಾ ಎರಡೂ ಕೈ ಮುಗಿದರು. “ಒಂದು ಉಪಕಾರ ಮಾಡ್ರಿ. ನಮ್ಮ ಮನಿಯಾಕಿಗಿ ಹೇಳಬ್ಯಾಡ್ರಿ. ಇನ್ನ ಐದು ವರ್ಷ ನಾ ಟ್ಯೂಶನ್ ಹೇಳಿ ಕಟ್ಟತೀನಿ. ಅಕಿಗಿ ಗೊತ್ತಾದ್ರ ಹೆಂಗ ಮುಖ ತೋರಸ್ಲಿ?”

ನಿಜವಾದ ಇಕ್ಕಟ್ಟು ಶುರುವಾದದ್ದು ಇಲ್ಲಿ. ಅವರ ಹೆಂಡತಿ ಸುಶೀಲಮ್ಮನವರನ್ನು ನಾನು ಚೆನ್ನಾಗಿ ಬಲ್ಲೆ. ಕಡಕ್ ರೊಟ್ಟಿ ಬಡಿದು ಬಸ್‌ಸ್ಟ್ಯಾಂಡಿನ ಬಳಿಯ ಖಾನಾವಳಿಗಳಿಗೆ ಕೊಡುತ್ತಿದ್ದರು. ಆ ದುಡ್ಡಿನಲ್ಲಿ ಒಂಬತ್ತು ವರ್ಷದಿಂದ ತಿಂಗಳಿಗೆ 1,600 ರೂಪಾಯಿಯಂತೆ ನಮ್ಮಲ್ಲೇ ಕಟ್ಟಿ, ಬಡ್ಡಿ ಸೇರಿ 2,34,000 ಮಾಡಿ, ತಮ್ಮೊಬ್ಬರ ಹೆಸರಿನಲ್ಲಿ ಠೇವಣಿ ಇಟ್ಟಿದ್ದರು. ಬಂದಾಗಲೆಲ್ಲ ಅವರದೂ ಒಂದೇ ಮಾತು. “ನಮ್ಮ ಮಾಸ್ತರ್ರಿಗಿ ಹೇಳಬ್ಯಾಡ್ರಿ.” ಒಂದೇ ಮನೆಯ ದುಡ್ಡು ಈ ಕಿಟಕಿಯಲ್ಲಿ ಆರೂವರೆ ಗಳಿಸುತ್ತಿತ್ತು, ಆ ಕಿಟಕಿಯಲ್ಲಿ ಹನ್ನೊಂದೂವರೆ ತೆರುತ್ತಿತ್ತು. ಎರಡೂ ಕಿಟಕಿ ಕಾಯುತ್ತಿದ್ದವನು ನಾನು, ಬಾಯಿ ಬಿಡುವಂತಿಲ್ಲ. ಒಬ್ಬರ ಠೇವಣಿಯ ವಿಷಯ ಇನ್ನೊಬ್ಬರಿಗೆ, ಗಂಡನೇ ಆಗಿರಲಿ, ಹೇಳುವುದು ನಮ್ಮ ಕೆಲಸದಲ್ಲಿ ದೊಡ್ಡ ತಪ್ಪು.

ಸಾಲದ ಅರ್ಜಿ ತೆಗೆಸಿ ನೋಡಿದೆ. ಸಹ-ಸಾಲಗಾರರಾಗಿ ಸುಶೀಲಮ್ಮನವರ ಸಹಿ ಇತ್ತು. ಸದ್ಯ, ಒಂದು ದಾರಿ ಸಿಕ್ಕಿತು. ಮಾಸ್ತರರಿಗೆ ಫೋನ್ ಮಾಡಿ, ದರ ಬದಲಿಸಲಿ, ಅವಧಿ ಬದಲಿಸಲಿ, ಏನು ಮಾಡಿದರೂ ಇಬ್ಬರ ಸಹಿ ಬೇಕು, ಗುರುವಾರ ಅಮ್ಮನವರನ್ನು ಕರೆದುಕೊಂಡು ಬನ್ನಿ ಎಂದೆ.  “ಆತ್ರಿ” ಎಂದರು.

ಗುರುವಾರ ಮಧ್ಯಾಹ್ನ ಇಬ್ಬರೂ ಬಂದರು. ಒಳಗೆ ಬಂದ ಸುಶೀಲಮ್ಮ ಗಂಡನಿಗೆ ಕಾಣದಂತೆ ನನಗೆ ಕಣ್ಸನ್ನೆ ಮಾಡಿದರು, ಹೇಳಬೇಡಿ ಎಂದು. ಮಾಸ್ತರರೂ ಅದೇ ಮುಖ ಮಾಡಿಕೊಂಡು ನನ್ನನ್ನೇ ನೋಡುತ್ತಿದ್ದರು. ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಚಹಾ ತರಿಸಿದೆ. 

ಆಮೇಲೆ ನಾನೇ ಬಾಯಿ ಬಿಟ್ಟೆ. ಮಾಸ್ತರರು ಅಂದು ಬಿಟ್ಟುಹೋಗಿದ್ದ ಆ ಹಳೆಯ ಪತ್ರವನ್ನು ಮೇಜಿನ ಮೇಲಿಟ್ಟು, ಕೆಳಗಿನ ಸಹಿಯ ಮೇಲೆ ಬೆರಳಿಟ್ಟು, “ಇದು ನಂದು,” ಎಂದೆ. “ನಿಮಗ ತಿಳಿಯೋ ಹಂಗ ನಾನು ಬರೀಲಿಲ್ಲ. ಮೊನ್ನೆ ಮಾಸ್ತರ್ರ ಮ್ಯಾಲ ಸಿಟ್ಟು ಮಾಡಿದ್ದೂ ತಪ್ಪಾತು. ಕ್ಷಮಾ ಮಾಡ್ರಿ.”

ಮಾಸ್ತರರು ಸಹಿಯನ್ನೂ ನನ್ನನ್ನೂ ಬದಲಿಸಿ ಬದಲಿಸಿ ನೋಡಿದರು. ನಂತರ ಹೆಂಡತಿಯ ಕಡೆ ತಿರುಗಿದರು. “ಸುಶೀಲಾ, ಸಾಲ ಮುಗಿದಿಲ್ಲ. ಇನ್ನ ಅರವತ್ತೆರಡು ಕಂತು ಅವ. ನನ್ನ ಲೆಕ್ಕ ತಪ್ಪಿತು.” 

ಸುಶೀಲಮ್ಮ ಗಾಬರಿಯಾಗಲಿಲ್ಲ. ಎಷ್ಟು ಬಾಕಿ ಎಂದು ನನ್ನನ್ನು ಕೇಳಿದರು. ಹೇಳಿದೆ. ಒಂದು ಗಳಿಗೆ ಸೆರಗಿನ ಅಂಚು ಸುರುಳಿ ಸುತ್ತುತ್ತಾ ಕೂತು, ಆಮೇಲೆ ಚೀಲದಿಂದ ಠೇವಣಿಯ ರಸೀದಿ ತೆಗೆದು ಗಂಡನ ಮುಂದೆ ಸರಿಸಿದರು.

“ಇದು ಯಾರದು?” ಎಂದರು ಮಾಸ್ತರರು.

“ನಿಮ್ಮದೇ. ಮುಂದಿನ ತಿಂಗಳಿಂದ ನಿಮಗ ಪಗಾರ ಬರಂಗಿಲ್ಲ. ಒಂದನೇ ತಾರೀಖಿಗಿ ಖಾಲಿ ಕೈಲೆ ಮನಿಗಿ ಬರಬಾರದು ಅಂತ ಇಟ್ಟಿದ್ದೆ. ಇದರ ಬಡ್ಡಿ ತಿಂಗಳಾ ನಿಮ್ಮ ಖಾತೇಕ ಬರೋ ಹಂಗ ಮಾಡ್ರಿ ಅಂತ ಸಾಹೇಬ್ರಿಗಿ ಕೇಳಿದ್ದೆ.”

ಮಾಸ್ತರರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಮಕ್ಕಳಂತೆ ಬಿಕ್ಕಿದರು. ನನ್ನ ಕಣ್ಣೂ ತುಂಬಿತು, ಅದನ್ನು ಮುಚ್ಚಿಡುವ ಅಗತ್ಯ ಈಗೇನಿದೆ? ಕಂಪ್ಯೂಟರಿನ ಕಡೆ ಮುಖ ಮಾಡಿ ಸುಮ್ಮನೆ ಕೀಲಿ ಒತ್ತುತ್ತಾ ಕೂತೆ.

ಸಮಾಧಾನವಾದ ಮೇಲೆ ಮೂವರೂ ಸೇರಿ ಲೆಕ್ಕ ಹಾಕಿದೆವು. ಹೊಸ ದರಕ್ಕೆ ಬದಲಿಸಿದರೆ ಈ ಹಂತದಲ್ಲಿ ಕಡಿಮೆಯಾಗುವುದು ನಾಲ್ಕೇ ಕಂತು. ಈಗಲೇ ಪೂರ್ತಿ ತೀರಿಸಿದರೆ ಮುಂದಿನ ಬಡ್ಡಿ ಸುಮಾರು 95,000 ಉಳಿಯುತ್ತದೆ. ಫ್ಲೋಟಿಂಗ್ ದರದ ಗೃಹಸಾಲವನ್ನು ಮುಂಚೆ ತೀರಿಸಿದರೆ ದಂಡವಿಲ್ಲ, ಇದು ಬಹಳ ಜನಕ್ಕೆ ಗೊತ್ತಿಲ್ಲ. ಅವಧಿಗೆ ಮೊದಲು ಮುರಿದ ಠೇವಣಿಯಿಂದ 2,31,400 ಬರುತ್ತಿತ್ತು. ಉಳಿದ 60,436 ಮಾಸ್ತರರ ಉಳಿತಾಯ ಖಾತೆಯಲ್ಲೇ ಇತ್ತು. ಪಿ.ಎಫ್. ಹಣವನ್ನು ಮಾತ್ರ ಮುಟ್ಟಬಾರದು, ಕಾಯಿಲೆ ಕಸಾಲೆಗೆ ಇರಲಿ ಎಂದು ಗಟ್ಟಿಯಾಗಿ ಹೇಳಿದೆ. ತಿಂಗಳಿಗೆ 6,265 ಕಟ್ಟುವುದು ತಪ್ಪಿದರೆ ಅದು ಠೇವಣಿಯ ಬಡ್ಡಿಗಿಂತ ಎಷ್ಟೋ ದೊಡ್ಡ ಪಗಾರ ಎಂದು ಮಾಸ್ತರರೇ ಹೆಂಡತಿಗೆ ಬಿಡಿಸಿ ಹೇಳಿದರು. ಪಾಠ ಹೇಳುವ ದನಿ ಅವರಿಗೆ ಮರಳಿ ಬಂದಿತ್ತು.

ಸಹಿ ಮಾಡುವ ಮೊದಲು ಸುಶೀಲಮ್ಮ ಕೇಳಿದರು. “ಆರು ಲಕ್ಷದ ಮನಿಗಿ ಒಟ್ಟು ಎಷ್ಟು ಕಟ್ಟಿದಂಗಾತ್ರಿ? ಸಾಲ ತಗೊಳ್ಳಾಗ ನಾನೂ ಬಂದಿದ್ದೆ. ಸಹಿ ಮಾಡ್ರಿ ಅಂದ್ರು, ಮಾಡಿದೆ. ಇದನ್ನ ಯಾರೂ ಹೇಳಲಿಲ್ಲ.”

ಕೂಡಿಸಿದೆ. ಮೊದಲ ಹದಿನಾಲ್ಕು ತಿಂಗಳ ಬಡ್ಡಿ 42,750. ನೂರ ಅರವತ್ತಾರು ಕಂತು 10,39,990. ಈಗಿನ 2,91,836. ಒಟ್ಟು 13,74,576. ದೊಡ್ಡ ಅಕ್ಷರದಲ್ಲಿ ಬರೆದು ಕಾಗದವನ್ನು ಅವರ ಕಡೆ ತಿರುಗಿಸುವಾಗ ನನಗೇ ನಾಚಿಕೆಯಾಯಿತು. ಅರ್ಧಕ್ಕಿಂತ ಹೆಚ್ಚು ಬಡ್ಡಿಯೇ.

ಸುಶೀಲಮ್ಮ ಆ ಅಂಕಿ ಓದಿ, ಕಾಗದವನ್ನು ನನ್ನ ಕಡೆಗೇ ಸರಿಸಿದರು.

“ಲಗ್ನ ಆಗಿ ಹನ್ನೊಂದು ವರ್ಷದಾಗ ಏಳು ಬಾಡಿಗಿ ಮನಿ ಬದಲಿ ಮಾಡೀವ್ರಿ ಸಾಹೇಬ್ರ. ಮಾಸ್ತರ್ರು ಅಂತ ಮನಿ ಕೊಡೋರು. ನಾವು ದಲಿತರು ಅಂತ ಗೊತ್ತಾದ ಮ್ಯಾಲ ಮಗಳ ಲಗ್ನ ಅದ, ಸುಣ್ಣ ಹಚ್ಚಬೇಕು ಅಂತ ಏನರೆ ಒಂದು ಹೇಳಿ ಖಾಲಿ ಮಾಡಸೋರು. ಈ ಹದಿನಾಲ್ಕು ವರ್ಷದಾಗ ಮನಿ ಬಿಡ್ರಿ ಅಂತ ನಮ್ಮ ಬಾಗಿಲಿಗಿ ಒಬ್ಬರೂ ಬಂದಿಲ್ಲ. ಅದನ್ನೂ ಲೆಕ್ಕಕ್ಕ ಹಿಡೀರಿ.”

ಅದನ್ನು ಬರೆಯುವ ಜಾಗ ನನ್ನ ಕಾಗದದಲ್ಲಿ ಇರಲಿಲ್ಲ. ಇಬ್ಬರೂ ಸಹಿ ಮಾಡಿದರು.

ಕಾಗದಪತ್ರಗಳು ಇದ್ದದ್ದು ಕಲಬುರಗಿಯ ದಾಖಲೆ ಕೊಠಡಿಯಲ್ಲಿ. ಅಲ್ಲಿಯವರು ಒಂದು ತಿಂಗಳಾಗುತ್ತದೆ ಎಂದರು. ನನ್ನ ಸಿಟ್ಟು ಜೀವನದಲ್ಲಿ ಒಮ್ಮೆಯಾದರೂ ಒಳ್ಳೆಯ ಕೆಲಸಕ್ಕೆ ಬರಲಿ ಎಂದು ದಿನಕ್ಕೆ ಎರಡು ಸಲ ಫೋನ್ ಮಾಡಿ ಅವರ ತಲೆ ತಿಂದೆ. ಪೂರ್ಣಿಮೆಯ ಹಿಂದಿನ ದಿನ ಕವರು ಬಂತು. ನಾನು ಅದನ್ನು ಮಾಸ್ತರರ ಕೈಗೆ ಕೊಟ್ಟೆ, ಅವರು ತೆರೆದೂ ನೋಡದೆ ಹೆಂಡತಿಯ ಕೈಗೆ ಕೊಟ್ಟರು.

ನನ್ನ ಕೊನೆಯ ಒಂದು ವರ್ಷದಲ್ಲಿ ಹತ್ತೊಂಬತ್ತು ಗೃಹಸಾಲ ಮಂಜೂರು ಮಾಡಿದೆ. ಪ್ರತಿಯೊಂದಕ್ಕೂ ಮನೆಯವರಿಬ್ಬರನ್ನೂ ಕೂರಿಸಿಕೊಂಡು, ಒಟ್ಟು ಕಟ್ಟಬೇಕಾದ ಮೊತ್ತವನ್ನು ಕನ್ನಡದಲ್ಲಿ ಬರೆದು, ದರ ಏರಿದರೆ ಕಂತು ಹೆಚ್ಚಿಸಲೋ ಅವಧಿ ಬೆಳೆಸಲೋ ಎಂದು ಮೊದಲೇ ಕೇಳಿದೆ. ಅಂಕಿ ನೋಡಿ ಸಾಲವೇ ಬೇಡವೆಂದು ಇನ್ನೂ ಮೂರು ಮನೆಯವರು ಎದ್ದು ಹೋದರು. ಮೇಲಿನವರು ಕಾರಣ ಕೇಳಿದರು, ಕೊಟ್ಟೆ. ಅದರ ಬಗ್ಗೆ ನನಗೆ ಬೇಜಾರಿಲ್ಲ.

ಬೇಜಾರಿರುವುದು ಬೇರೆಯದಕ್ಕೆ. ಆ ಗಂಡ ಹೆಂಡತಿ ಒಂದೇ ಮನೆಗಾಗಿ ವರ್ಷಗಟ್ಟಲೆ ದುಡಿದೂ ಒಬ್ಬರಿಂದೊಬ್ಬರು ವಿಷಯ ಮುಚ್ಚಿಟ್ಟರು. ಅವರು ನಾಚಿಕೆಯಿಂದ, ಪ್ರೀತಿಯಿಂದ ಸುಮ್ಮನಿದ್ದರು. ನಮಗೆ ಅಂಥ ಯಾವ ಕಾರಣವೂ ಇರಲಿಲ್ಲ. 2009ರಲ್ಲಿ ಮ್ಯಾನೇಜರ್ ಮೇಜಿನ ಎದುರು ಎರಡು ಕುರ್ಚಿಗಳಿದ್ದವು, ಎರಡರಲ್ಲೂ ಜನ ಕೂತಿದ್ದರು. ಲೆಕ್ಕ ಕೇಳುವ ತಾಳ್ಮೆ ಇದ್ದದ್ದು ಎರಡನೇ ಕುರ್ಚಿಯಲ್ಲಿದ್ದ ಹೆಣ್ಣುಮಗಳಿಗೆ. ನಾವು ಅವರನ್ನು ಕೇಳಿದ್ದು ಸಹಿ ಮಾತ್ರ.