ಹಂಗಾಮಿ ಟೀಚರ್ ಹಾಕಿದ ಸಹಿ

ನಮ್ಮಕ್ಕ ಒಂದು ಕಡೆ ಕೂತಿದ್ದನ್ನು ನಾನು ನೋಡಿದ್ದೇ ಕಡಿಮೆ. ಟೀ ಕುಡಿಯುವಾಗಲೂ ಲೋಟ ಹಿಡಿದು ಅಡುಗೆಮನೆಯಿಂದ ಬಾಗಿಲಿಗೆ, ಬಾಗಿಲಿಂದ ಅಡುಗೆಮನೆಗೆ ಓಡಾಟ. "ಕಾಲಿಗೆ ಚಕ್ರ ಕಟ್ಕೊಂಡಿದೀಯೇನೇ?" ಎಂದು ರೇಗಿಸಿದರೆ, "ಕೆಲ್ಸ ಕಾಯಂ ಆಗ್ಲಿ, ಆಮೇಲೆ ಕೂತ್ಕೋತೀನಿ" ಎನ್ನುತ್ತಿದ್ದಳು. ಅವಳು ಸರ್ಕಾರಿ ಹೈಸ್ಕೂಲಿನಲ್ಲಿ ಗಣಿತದ ಟೀಚರ್, ಆದರೆ ಹಂಗಾಮಿ. ರಜೆ ಬಂದಾಗ ಮನೆಗೆ ಕಳಿಸುವುದು, ಶಾಲೆ ಶುರುವಾದಾಗ ಹೊಸ ಆದೇಶ ಕೊಟ್ಟು ಕರೆಯುವುದು. ಹೀಗೇ ಹತ್ತು ಹದಿನೈದು ವರ್ಷ ಕಳೆಯಿತು. ಸ್ಟಾಫ್ ರೂಮಿನಲ್ಲಿ ಎಲ್ಲರಿಗೂ ಒಂದೊಂದು ಬೀರು, ಇವಳಿಗೆ ಕಿಟಕಿಯ ಕಟ್ಟೆ. ಹತ್ತನೇ ತರಗತಿಯ ಗಣಿತ ಮಾತ್ರ ಇವಳ ತಲೆಗೇ ಕಟ್ಟುತ್ತಿದ್ದರು.

ಕೊನೆಗೆ ಇಲಾಖೆ ಆ ಹುದ್ದೆಗೆ ಕಾಯಂ ಆಗಿ ಬೇರೊಬ್ಬಳನ್ನು ಆಯ್ಕೆ ಮಾಡಿತು. ವಯಸ್ಸು ಮೀರಿದೆ ಎಂದು ಅಕ್ಕನ ಅರ್ಜಿಯನ್ನು ಮುಟ್ಟಿಯೂ ನೋಡಲಿಲ್ಲ. ಅಕ್ಕ ಕೋರ್ಟಿಗೆ ಹೋಗಿ ತಡೆಯಾಜ್ಞೆ ತಂದಳು. ಗೆದ್ದರೆ ಕಾಯಂ, ಸೋತರೆ ಮನೆ. ಅಲ್ಲಿಂದ ನಮ್ಮ ಮನೆಯಲ್ಲಿ ಯಾವ ಕೆಲಸವೂ ಮುಂದೆ ಹೋಗಲಿಲ್ಲ. ಗೋಡೆಗೆ ಬಣ್ಣ ಹೊಡೆಸೋಣ ಎಂದರೆ "ತೀರ್ಪು ಬರ್ಲಿ", ಕಣ್ಣು ತೋರಿಸಿಕೋ ಎಂದರೆ "ತೀರ್ಪು ಬರ್ಲಿ". ನನ್ನ ತಲೆ ಕೆಟ್ಟು ಮೊಸರುಗಡಿಗೆಯಾಗುತ್ತಿತ್ತು.

ಆಯ್ಕೆಯಾದವಳು ಬೇರೆ ಯಾರೂ ಅಲ್ಲ, ಅಕ್ಕನ ಹಳೇ ವಿದ್ಯಾರ್ಥಿನಿ. ಕೋರ್ಟಿನ ವರಾಂಡದಲ್ಲಿ ಬೆಂಚು ಖಾಲಿಯಿದ್ದರೂ ಅಕ್ಕನ ಮುಂದೆ ಕೂರುತ್ತಿರಲಿಲ್ಲ.

"ಕೂತ್ಕೊಳ್ಳೇ, ಕಾಲು ನೋಯತ್ತೆ."

"ಪರವಾಗಿಲ್ಲ ಮಿಸ್."

ಅವಳು ನಿಂತಿದ್ದಾಳೆಂದು ಅಕ್ಕನೂ ನಿಲ್ಲುವುದು. ಕೇಸು ಹಾಕಿಕೊಂಡವರಿಬ್ಬರೂ ದಿನವಿಡೀ ನಿಂತಿರುತ್ತಿದ್ದರು, ಜೊತೆಗೆ ಹೋದ ತಪ್ಪಿಗೆ ನಾನೊಬ್ಬಳೇ ಬೆಂಚು ಕಾಯುತ್ತಿದ್ದೆ.

ಒಂದು ದಿನ ನಮ್ಮ ವಕೀಲರು ಮುಖವರಳಿಸಿಕೊಂಡು ಬಂದರು. ಆ ಹುಡುಗಿ ತರಬೇತಿಯಲ್ಲಿದ್ದಾಗ ಅಕ್ಕನ ತರಗತಿಯಲ್ಲೇ ಪಾಠ ಮಾಡಿ ಪಳಗಿದ್ದಳು. ಅದರ ಪ್ರಮಾಣಪತ್ರಕ್ಕೆ ಸಹಿ ಹಾಕಿದವಳೂ ಅಕ್ಕನೇ.

"ನಾನು ಬರೀ ಹಂಗಾಮಿ, ಸಹಿ ಹಾಕೋ ಅಧಿಕಾರ ನನಗಿರ್ಲಿಲ್ಲ ಅಂದ್ಬಿಡಿ ಮೇಡಂ. ಆ ಪತ್ರ ನಿಲ್ಲಲ್ಲ, ಅವಳ ಆಯ್ಕೆ ಬಿದ್ದೋಗತ್ತೆ. ಆಮೇಲೆ ಆ ಹುದ್ದೆಗೆ ನಿಮ್ಮನ್ನ ಬಿಟ್ರೆ ಯಾರಿದಾರೆ?"

ನನಗೆ ಅಲ್ಲೇ ಕುಣಿದುಬಿಡುವಷ್ಟು ಖುಷಿಯಾಯಿತು. ಅಕ್ಕ ಚೀಲ ಎತ್ತಿಕೊಂಡು ಮೆಟ್ಟಿಲಿಳಿದುಬಿಟ್ಟಳು. ವಿಚಾರಣೆಯ ದಿನದವರೆಗೂ ಅವಳ ಕೈಕಾಲು ನಿಂತಲ್ಲಿ ನಿಲ್ಲಲಿಲ್ಲ. ಒಗೆದ ಬಟ್ಟೆಯನ್ನೇ ಮತ್ತೆ ಒಗೆದು ಹಾಕಿದಳು.

ಕಟಕಟೆಯಲ್ಲಿ ನಿಂತಾಗ ನ್ಯಾಯಾಧೀಶರು ಕೇಳಿದರು, "ಈ ಸಹಿ ನಿಮ್ಮದೇನಾ?"

"ಹೌದು ಸಾರ್."

"ಹಾಕೋ ಅಧಿಕಾರ ನಿಮಗಿತ್ತಾ?"

ವಕೀಲರು ಕಣ್ಣಲ್ಲೇ ಇಲ್ಲ ಇಲ್ಲ ಎಂದು ಹೇಳಿಕೊಡುತ್ತಿದ್ದರು. ಅಕ್ಕ ಆ ಕಡೆ ನೋಡಲೇ ಇಲ್ಲ.

"ಹಿಂದಿನ ಬೆಂಚಲ್ಲಿ ಕೂತು ಅವಳ ಪಾಠ ನೋಡಿದ್ದು ನಾನು ಸಾರ್. ತಪ್ಪಿದ ಕಡೆ ತಿದ್ದಿದ್ದೂ ನಾನೇ. ಇನ್ಯಾರು ಹಾಕ್ಬೇಕಿತ್ತು?"

"ಇತ್ತೋ ಇಲ್ವೋ, ಅಷ್ಟು ಹೇಳಿ."

"ಇತ್ತು ಸಾರ್."

ತೀರ್ಪು ಬಂತು. ಸಹಿ ಊರ್ಜಿತ, ಹುಡುಗಿಯ ಆಯ್ಕೆ ಸರಿ. ಹಂಗಾಮಿಯವರಿಗೆ ಮಾತ್ರ ಹುದ್ದೆಯ ಮೇಲೆ ಹಕ್ಕಿಲ್ಲ. ಇದೆಂಥ ನ್ಯಾಯವೋ, ನನ್ನ ಮೈಯೆಲ್ಲ ಉರಿದುಹೋಯಿತು. ವರಾಂಡದಲ್ಲೇ ಅಕ್ಕನ ಮೇಲೆ ಹರಿಹಾಯ್ದೆ.

"ಅಧಿಕಾರ ಇರ್ಲಿಲ್ಲ ಅಂತ ಒಂದ್ಮಾತು ಅಂದಿದ್ರೆ ನಿನ್ನ ಗಂಟೇನು ಹೋಗ್ತಿತ್ತೇ?"

ಅಕ್ಕ ನನ್ನತ್ತ ತಿರುಗಿದಳು. "ನೀನು ಟೀಚರೇ ಅಲ್ಲ ಅಂತ ಇಷ್ಟು ವರ್ಷ ಅವರು ಹೇಳಿದ್ರು. ಅದನ್ನ ನನ್ ಬಾಯಿಂದ್ಲೂ ಹೇಳ್ಬೇಕಿತ್ತಾ?"

ನನ್ನ ಸಂಕಟ ಇವತ್ತಿಗೂ ಹೋಗಿಲ್ಲ. ಅಕ್ಕ ಈಗ ಎರಡು ಬಸ್ಸು ಬದಲಿಸಿ ಬೇರೊಂದು ಶಾಲೆಗೆ ಹೋಗಿ ಗಣಿತ ಹೇಳಿಕೊಡುತ್ತಾಳೆ, ಅಲ್ಲೂ ಹಂಗಾಮಿಯಾಗಿಯೇ.